ನಿಮ್ಮ ಅಡ್ಡಹೆಸರಿನ ಊರು ಹುಡುಕುವುದು ಹೇಗೆ?

ಗೋಕಾಕದಲ್ಲಿ ಇರುವವರನ್ನು ಅದೇ ಊರಿನಲ್ಲಿ ಯಾರೂ ಗೋಕಾಕ ಅಂತ ಕರೆಯುವುದಿಲ್ಲ. ಅಲ್ಲಿ ಎಲ್ಲರೂ ಗೋಕಾಕದವರೇ ಅಲ್ವಾ? ಆ ಊರು ಬಿಟ್ಟು ಸವಣೂರಿಗೋ ಧಾರವಾಡಕ್ಕೋ ಬಂದು ನೆಲೆಸಿದ ಮೇಲೆ, 'ಅದು ಯಾರ ಮನಿ? ಗೋಕಾಕದವರ ಮನಿ' ಅಂತ ಓಣಿಯವರು ಗುರುತು ಹೇಳುತ್ತಾ ಹೇಳುತ್ತಾ ಊರಿನ ಹೆಸರು ಮನೆತನಕ್ಕೆ ಅಂಟಿಕೊಳ್ಳುತ್ತದೆ. ಮುಂದೆ ಶಾಲೆಗೆ ಹೆಸರು ಹಚ್ಚುವಾಗ ಮಾಸ್ತರರು ಅದನ್ನೇ ಬರೆದುಕೊಂಡರೆ ಮುಗಿಯಿತು, ಮರಿಮಕ್ಕಳ ಕಾಲಕ್ಕೂ ಅದೇ ಅಡ್ಡಹೆಸರು. ಕವಿ ವಿ.ಕೃ. ಗೋಕಾಕರು 1909ರಲ್ಲಿ ಹುಟ್ಟಿದ್ದು ಸವಣೂರಿನಲ್ಲಿ. ಹೆಸರಿನಲ್ಲಿರುವ ಊರು ಬೆಳಗಾವಿ ಜಿಲ್ಲೆ, ಹುಟ್ಟಿದ ಊರು ಈಗಿನ ಹಾವೇರಿ ಜಿಲ್ಲೆ.

ಇದನ್ನು ಮೊದಲೇ ಹೇಳುವುದಕ್ಕೆ ಕಾರಣ ಇದೆ. ಬಹಳ ಜನ ಅಜ್ಜ ಹುಟ್ಟಿದ ಊರಿನ ಸುತ್ತಮುತ್ತಲೇ ತಮ್ಮ ಅಡ್ಡಹೆಸರಿನ ಹಳ್ಳಿ ಇದೆಯಾ ಅಂತ ನೋಡುತ್ತಾರೆ, ಸಿಗದಿದ್ದಾಗ ಕೈಬಿಡುತ್ತಾರೆ. ನೀವು ಹುಡುಕಬೇಕಾದ್ದು ನಿಮ್ಮವರು ಬಿಟ್ಟು ಬಂದ ಊರನ್ನು. ಅದು ನೂರು ಮೈಲಿ ಆಚೆ ಇರಬಹುದು, ಇನ್ನೊಂದು ರಾಜ್ಯದಲ್ಲೂ ಇರಬಹುದು. ಸರ್ ಎಂ. ವಿಶ್ವೇಶ್ವರಯ್ಯ ಹುಟ್ಟಿದ್ದು ಚಿಕ್ಕಬಳ್ಳಾಪುರದ ಹತ್ತಿರದ ಮುದ್ದೇನಹಳ್ಳಿಯಲ್ಲಿ. ಆದರೆ ಅವರ ಹೆಸರಿನ ಮೊದಲ ಅಕ್ಷರ ಮೋಕ್ಷಗುಂಡಂ, ಅವರ ಹಿರಿಯರ ಆ ಊರು ಇವತ್ತಿಗೂ ಆಂಧ್ರಪ್ರದೇಶದಲ್ಲಿದೆ.

ಮೊದಲು, ನಿಮ್ಮ ಹೆಸರಿನಲ್ಲಿರುವುದು ಊರೇ ಹೌದಾ ನೋಡಿ

ಎಲ್ಲ ಅಡ್ಡಹೆಸರೂ ಊರಲ್ಲ. ಪಾಟೀಲ, ಕುಲಕರ್ಣಿ, ದೇಸಾಯಿ, ನಾಡಗೌಡ, ತಳವಾರ ಇವೆಲ್ಲ ಮಾಡುತ್ತಿದ್ದ ಅಧಿಕಾರ ಅಥವಾ ಚಾಕರಿಯಿಂದ ಬಂದವು. ಬಡಿಗೇರ, ಕಮ್ಮಾರ, ಪತ್ತಾರ, ಗಾಣಿಗೇರ ಕಸುಬಿನವು. ಹೊಸಮನಿ, ಹಳೇಮನಿ, ದೊಡ್ಡಮನಿ ಅಂದರೆ ಮನೆಯ ಗುರುತು. ಬೆಲ್ಲದ, ಮೆಣಸಿನಕಾಯಿ, ಉಳ್ಳಾಗಡ್ಡಿ, ಅಕ್ಕಿ, ತುಪ್ಪದ ಅಂತ ಇದ್ದರೆ ಹೆಚ್ಚಾಗಿ ವ್ಯಾಪಾರದ ನಂಟು. ಇಂಥ ಹೆಸರಿನವರು ಊರಿನ ಪಟ್ಟಿ ಹಿಡಿದು ಕೂತರೆ ದಾರಿ ತಪ್ಪುತ್ತಾರೆ. ಮೂಡಿಗೆರೆ ತಾಲ್ಲೂಕಿನಲ್ಲಿ ಅಂಗಡಿ ಅಂತ ಒಂದು ಊರಿದೆ, ಹೊಯ್ಸಳರ ಮೂಲಸ್ಥಾನ ಸೊಸೆವೂರು ಅಂತ ಅದನ್ನು ಗುರುತಿಸುತ್ತಾರೆ. ಹಾಗಂತ ಬೆಳಗಾವಿ ಕಡೆಯ ಅಂಗಡಿ ಮನೆತನದವರು ಅಲ್ಲಿಂದ ಬಂದವರು ಅಂತ ಹೇಳಲು ಬರುವುದಿಲ್ಲ. ಅವರ ಹಿರಿಯರು ಅಂಗಡಿ ಇಟ್ಟಿದ್ದರು ಅನ್ನುವುದೇ ಹೆಚ್ಚು ನೇರವಾದ ವಿವರಣೆ.

ಊರಿನ ಹೆಸರು ಕೂರುವ ಜಾಗವೂ ಎಲ್ಲ ಕಡೆ ಒಂದೇ ಅಲ್ಲ. ಉತ್ತರ ಕರ್ನಾಟಕದಲ್ಲಿ ಅದು ಕೊನೆಗೆ ಬರುತ್ತದೆ: ಮಲ್ಲಿಕಾರ್ಜುನ ಮನ್ಸೂರ. ಮರಾಠಿ ಪ್ರಭಾವ ಇದ್ದ ಕಡೆ ಅದರ ಬಾಲಕ್ಕೆ 'ಕರ' ಸೇರುತ್ತದೆ. ಸವಾಯಿ ಗಂಧರ್ವರ ನಿಜವಾದ ಹೆಸರು ರಾಮಭಾವು ಕುಂದಗೋಳಕರ, ಆ ಕರ ತೆಗೆದರೆ ಊರು ಸಿಕ್ಕಿತು. ಕರಾವಳಿಯಲ್ಲಿ ಊರೋ ಮನೆಯೋ ಮುಂದೆ ಬರುತ್ತದೆ, ಕೋಟ ಶಿವರಾಮ ಕಾರಂತ, ಕಯ್ಯಾರ ಕಿಞ್ಞಣ್ಣ ರೈ ಇದ್ದ ಹಾಗೆ. ಹಳೇ ಮೈಸೂರಿನಲ್ಲಿ ಅದು ಇನಿಷಿಯಲ್‌ನೊಳಗೆ ಮುದುಡಿ ಕೂತಿರುತ್ತದೆ. ಕೆ.ವಿ. ಪುಟ್ಟಪ್ಪ ಅಂದರೆ ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ, ಎಚ್.ಡಿ. ದೇವೇಗೌಡ ಅಂದರೆ ಹರದನಹಳ್ಳಿ ದೊಡ್ಡೇಗೌಡ ದೇವೇಗೌಡ. ಡಿ.ವಿ.ಜಿ.ಯವರ ಡಿ ದೇವನಹಳ್ಳಿ, ಆದರೆ ಅವರು 1887ರಲ್ಲಿ ಹುಟ್ಟಿದ್ದು ಮುಳಬಾಗಿಲಿನಲ್ಲಿ. ಕುವೆಂಪು ಕೂಡ ಹುಟ್ಟಿದ್ದು ತಾಯಿಯ ತವರು ಹಿರೇಕೊಡಿಗೆಯಲ್ಲಿ, ಅದು ಕೊಪ್ಪ ತಾಲ್ಲೂಕು. ಮೊದಲ ಹೆರಿಗೆಗೆ ತವರಿಗೆ ಹೋಗುವ ಪದ್ಧತಿ ನಮ್ಮಲ್ಲಿ ಇರುವುದರಿಂದ ಜನನ ದಾಖಲೆಯ ಊರು ನೋಡಿ ಅದೇ ಮೂಲ ಅಂದುಕೊಳ್ಳಬೇಡಿ, ಅದು ಹೆಚ್ಚಾಗಿ ತಾಯಿಯ ಕಡೆಯ ಊರಾಗಿರುತ್ತದೆ.

ಹೆಸರಿನ ಎಲ್ಲ ರೂಪಗಳನ್ನೂ ಬರೆದುಕೊಳ್ಳಿ

ಒಂದು ಹಾಳೆ ತೆಗೆದುಕೊಳ್ಳಿ. ನಿಮ್ಮ ಮಾರ್ಕ್ಸ್ ಕಾರ್ಡಿನಲ್ಲಿ ಹೇಗಿದೆ, ಅಪ್ಪನ ಶಾಲೆಯ ದಾಖಲಾತಿಯಲ್ಲಿ ಹೇಗಿದೆ, ಹಳೇ ಖರೀದಿ ಪತ್ರದಲ್ಲಿ ಹೇಗಿದೆ, ಎಲ್ಲವನ್ನೂ ಇದ್ದ ಹಾಗೇ ಬರೆಯಿರಿ. ಇಂಗ್ಲಿಷ್ ಸ್ಪೆಲ್ಲಿಂಗ್ ನಂಬಬೇಡಿ, ಅದರಲ್ಲಿ ಳ-ಲ, ಣ-ನ, ಡ-ದ ಎಲ್ಲ ಒಂದೇ ಆಗಿಬಿಡುತ್ತವೆ. ಕನ್ನಡದಲ್ಲಿ ಬರೆದದ್ದು ಎಲ್ಲಾದರೂ ಸಿಕ್ಕರೆ ಅದಕ್ಕೇ ಬೆಲೆ ಜಾಸ್ತಿ.

ಊರುಗಳ ಹೆಸರೂ ಬದಲಾಗುತ್ತವೆ. 2014ರ ನವೆಂಬರ್ 1ರಿಂದ ಬಿಜಾಪುರ ಸರ್ಕಾರಿ ದಾಖಲೆಯಲ್ಲಿ ವಿಜಯಪುರ ಆಯಿತು, ಗುಲ್ಬರ್ಗ ಕಲಬುರಗಿ ಆಯಿತು. ಅಡ್ಡಹೆಸರು ಮಾತ್ರ ಬಿಜಾಪುರ ಅಂತಲೇ ಉಳಿಯಿತು. ನಿಮ್ಮ ಹೆಸರಿನ ಊರು ಪಟ್ಟಿಯಲ್ಲಿ ಸಿಗುತ್ತಿಲ್ಲ ಅಂದರೆ ಹೆಸರು ಬದಲಾಗಿದೆಯಾ ಅಂತ ಮೊದಲು ನೋಡಿ.

ಆ ಹೆಸರಿನ ಎಲ್ಲ ಊರುಗಳನ್ನೂ ಪಟ್ಟಿ ಮಾಡಿ

ಇಲ್ಲಿ ಅವಸರ ಮಾಡಬೇಡಿ. ಗೂಗಲ್ ಮ್ಯಾಪಿನಲ್ಲಿ ಮೊದಲು ಸಿಕ್ಕ ಊರೇ ನಮ್ಮದು ಅಂತ ಕಾರು ಹತ್ತುವವರಿದ್ದಾರೆ. ಶಿರೂರು ಅನ್ನುವ ಒಂದೇ ಹೆಸರು ತೆಗೆದುಕೊಳ್ಳಿ. ಬಾಗಲಕೋಟೆ ಹತ್ತಿರ ಒಂದು ಶಿರೂರು ಇದೆ. ಉಡುಪಿ ಜಿಲ್ಲೆಯ ಬೈಂದೂರು ಕಡೆ ಒಂದಿದೆ. 2024ರ ಮಳೆಗಾಲದಲ್ಲಿ ಗುಡ್ಡ ಕುಸಿದ ಶಿರೂರು ಅಂಕೋಲಾ ತಾಲ್ಲೂಕಿನದು. ಉಡುಪಿಯ ಅಷ್ಟಮಠಗಳಲ್ಲಿ ಒಂದು ಶೀರೂರು ಮಠ. ಮಹಾರಾಷ್ಟ್ರದ ಪುಣೆ ಜಿಲ್ಲೆಯಲ್ಲೂ ಶಿರೂರು ಇದೆ. ಇನ್ನು ಹೊಸಹಳ್ಳಿ, ಹೊಸೂರು, ಕೊಪ್ಪ ಇಂಥ ಹೆಸರಿದ್ದರಂತೂ ಪಟ್ಟಿ ಬೆಳೆಯುತ್ತಲೇ ಹೋಗುತ್ತದೆ.

ಪಟ್ಟಿ ಮಾಡಲು ಸುಲಭದ ದಾರಿ ಎಂದರೆ ಕಂದಾಯ ಇಲಾಖೆಯ ಭೂಮಿ ಜಾಲತಾಣ. ಪಹಣಿ ನೋಡುವ ಪುಟದಲ್ಲಿ ಜಿಲ್ಲೆ, ತಾಲ್ಲೂಕು, ಹೋಬಳಿ, ಗ್ರಾಮ ಅಂತ ಒಂದೊಂದಾಗಿ ಆರಿಸುವ ಪಟ್ಟಿಗಳಿವೆ, ಗ್ರಾಮದ ಹೆಸರು ನೋಡುವುದಕ್ಕೆ ಸರ್ವೆ ನಂಬರ್ ಬೇಕಿಲ್ಲ. ಜನಗಣತಿ ಇಲಾಖೆ ಪ್ರತಿ ಜಿಲ್ಲೆಗೂ ಪ್ರಕಟಿಸುವ ಕೈಪಿಡಿಗಳಲ್ಲೂ ಹಳ್ಳಿಗಳ ಪೂರ್ತಿ ಪಟ್ಟಿ ಸಿಗುತ್ತದೆ. ಹಳೇ ಕೈಪಿಡಿ ಸಿಕ್ಕರೆ ಇನ್ನೂ ಒಳ್ಳೆಯದು. ಯಾಕೆಂದರೆ ಶರಾವತಿಯ ಲಿಂಗನಮಕ್ಕಿ ಅಣೆಕಟ್ಟು, ಕೃಷ್ಣೆಯ ಆಲಮಟ್ಟಿ ಇವುಗಳ ಹಿನ್ನೀರಿನಲ್ಲಿ ಮುಳುಗಿದ ಹಳ್ಳಿಗಳ ಹೆಸರು ಈಗಿನ ಪಟ್ಟಿಯಲ್ಲಿ ಸಿಗದೇ ಹೋಗಬಹುದು. ಇನ್ನೊಂದು ಬಗೆಯ ಊರೂ ಇದೆ: ಕಂದಾಯ ದಾಖಲೆಯಲ್ಲಿ 'ಬೇಚಿರಾಕ್' ಅಂತ ಬರೆದಿರುತ್ತಾರೆ. ದಾಖಲೆಯಲ್ಲಿ ಗ್ರಾಮ ಇದೆ, ಸರ್ವೆ ನಂಬರ್ ಇದೆ, ಹೊಲ ಇದೆ, ಜನವಸತಿ ಮಾತ್ರ ಇಲ್ಲ. ಪ್ಲೇಗೋ ಬರಗಾಲವೋ ಇನ್ನೇನೋ ಬಂದು ಜನ ಬಿಟ್ಟುಹೋದ ಇಂಥ ಊರುಗಳ ಹೆಸರು ಯಾವುದೋ ಮನೆತನದ ಅಡ್ಡಹೆಸರಿನಲ್ಲಿ ಉಳಿದಿರಬಹುದು, ಹಾಗಾಗಿ ಮ್ಯಾಪಿನಲ್ಲಿ ಮನೆ ಕಾಣಲಿಲ್ಲ ಅಂತ ಆ ಊರನ್ನು ಪಟ್ಟಿಯಿಂದ ಹೊಡೆದುಹಾಕಬೇಡಿ.

ಮನೆದೇವರು ದಿಕ್ಕು ತೋರಿಸುತ್ತದೆ

ಪಟ್ಟಿಯಲ್ಲಿ ಐದಾರು ಊರು ಉಳಿದವು ಅಂದುಕೊಳ್ಳಿ. ಈಗ ಮನೆಯ ಹಿರಿಯರನ್ನು ಕೇಳುವ ಹೊತ್ತು. 'ನಮ್ಮ ಮೂಲ ಊರು ಯಾವುದು' ಅಂತ ನೇರವಾಗಿ ಕೇಳಿದರೆ 'ಯಾರಿಗೆ ಗೊತ್ತಪ್ಪಾ' ಅಂತ ಉತ್ತರ ಬರುತ್ತದೆ. ಸಣ್ಣ ಸಣ್ಣ ಪ್ರಶ್ನೆ ಕೇಳಿ. ನಮ್ಮ ಮನೆದೇವರು ಯಾವುದು? ಜವಳ ಎಲ್ಲಿ ತೆಗೆಸುತ್ತಿದ್ದರು? ಮದುವೆಯಾದ ಮೇಲೆ ಮೊದಲು ಯಾವ ಗುಡಿಗೆ ಹೋಗಿಬರಬೇಕು? ಬೆಡಗು (ಕುಲದೊಳಗಿನ ಬಳಿ) ಯಾವುದು, ಗೋತ್ರ ಯಾವುದು? ಊರು ಬಿಟ್ಟರೂ ಜನ ದೇವರನ್ನು ಬಿಡುವುದು ಕಡಿಮೆ.

ಶಿರೂರರನ್ನೇ ಉದಾಹರಣೆಗೆ ಇಟ್ಟುಕೊಳ್ಳೋಣ. ಗದಗಿನಲ್ಲಿರುವ, ಮನೆಯಲ್ಲಿ ಕನ್ನಡ ಮಾತಾಡುವ ಒಂದು ಕುಟುಂಬ. ಮನೆದೇವರು ಬಾದಾಮಿಯ ಬನಶಂಕರಿಯೋ ಗೊಡಚಿಯ ವೀರಭದ್ರನೋ ಆಗಿದ್ದರೆ ಬಾಗಲಕೋಟೆಯ ಶಿರೂರಿನ ಕಡೆಗೇ ಮೊದಲು ನೋಡಬೇಕು. ಅದೇ ಮನೆಯಲ್ಲಿ ಕೊಂಕಣಿ ಮಾತಾಡುತ್ತಿದ್ದು, ಕುಲದೇವರಿಗೆ ಅಂತ ಗೋವಾದ ಮಂಗೇಶಿಗೋ ಕವಳೆಯ ಶಾಂತಾದುರ್ಗೆಗೋ ಹೋಗುವ ರೂಢಿ ಇದ್ದರೆ ಕರಾವಳಿಯ ಶಿರೂರುಗಳನ್ನು ನೋಡಿ.

ಈ ಪ್ರಶ್ನೆಗಳನ್ನು ಅಜ್ಜಿಯರಿಗೆ, ಸೋದರತ್ತೆಯರಿಗೆ ಕೇಳಿ. ಯಾವ ಊರಿಗೆ ಹೆಣ್ಣು ಕೊಟ್ಟಿದ್ದರು, ಎಲ್ಲಿಂದ ತಂದಿದ್ದರು ಅನ್ನುವ ಲೆಕ್ಕ ಅವರ ಬಾಯಲ್ಲೇ ಇರುತ್ತದೆ. ಹಿಂದೆ ಸಂಬಂಧ ಬೆಳೆಸುತ್ತಿದ್ದುದು ಒಂದು ದಿನದ ಚಕ್ಕಡಿ ಪ್ರಯಾಣದ ಆಸುಪಾಸಿನಲ್ಲೇ ಹೆಚ್ಚು. ಹಾಗಾಗಿ ಅತಿ ಹಳೆಯ ಬೀಗರ ಊರುಗಳನ್ನು ಮ್ಯಾಪಿನಲ್ಲಿ ಗುರುತು ಹಾಕಿದರೆ ನಿಮ್ಮವರು ಇದ್ದ ಸೀಮೆ ಯಾವುದು ಅಂತ ಕಣ್ಣಿಗೇ ಕಾಣುತ್ತದೆ.

ಹೆಳವರು ಬಂದರೆ ಬಾಗಿಲಲ್ಲೇ ಕಳಿಸಬೇಡಿ

ಇದು ನನ್ನ ಮಟ್ಟಿಗೆ ಎಲ್ಲಕ್ಕಿಂತ ಮುಖ್ಯವಾದ ಮಾತು. ಉತ್ತರ ಕರ್ನಾಟಕದಲ್ಲಿ ಅನೇಕ ಮನೆತನಗಳಿಗೆ ಗೊತ್ತಾದ ಹೆಳವರು ಇರುತ್ತಾರೆ. ಮನೆತನಗಳ ವಂಶಾವಳಿ ಬರೆದಿಟ್ಟುಕೊಳ್ಳುವುದು ಅವರ ಪರಂಪರೆಯ ಕಾಯಕ. ಸುಗ್ಗಿ ಮುಗಿಯುವ ಹೊತ್ತಿಗೆ ಬರುತ್ತಾರೆ, ಕಟ್ಟೆಯ ಮೇಲೆ ಕೂತು ಬಟ್ಟೆಯಲ್ಲಿ ಸುತ್ತಿದ ಉದ್ದನೆ ಪುಸ್ತಕ ಬಿಚ್ಚುತ್ತಾರೆ, ಒಂದೇ ರಾಗದಲ್ಲಿ ಓದುತ್ತಾ ಹೋಗುತ್ತಾರೆ: ಮೂಲ ಊರು ಯಾವುದು, ಅಲ್ಲಿಂದ ಯಾರು ಹೊರಟರು, ಎಲ್ಲಿ ನಿಂತರು, ಅವರಿಗೆ ಎಷ್ಟು ಜನ ಗಂಡುಮಕ್ಕಳು, ಅವರಲ್ಲಿ ಯಾರ ಕವಲು ಎಲ್ಲಿಗೆ ಹೋಯಿತು. ಓದಿ ಮುಗಿಸಿ, ಹೋದ ಸಲ ಬಂದ ಮೇಲೆ ಹುಟ್ಟಿದವರ ಹೆಸರು ಕೇಳಿ ಬರೆದುಕೊಳ್ಳುತ್ತಾರೆ. ಕಾಳು, ಬಟ್ಟೆ, ರೊಕ್ಕ, ಅನುಕೂಲ ಇದ್ದವರು ದನಕರು ಕೂಡ ಕೊಡುವ ರೂಢಿ.

ಈ ಪುಸ್ತಕದಲ್ಲಿ ಇರುವುದು ಯಾವ ಸರ್ಕಾರಿ ಕಚೇರಿಯಲ್ಲೂ ಸಿಗುವುದಿಲ್ಲ. ಪಹಣಿ ಹೊಲದ ಮಾತು ಹೇಳುತ್ತದೆ, ಹೊಲ ಮಾರಿ ಊರು ಬಿಟ್ಟವರು ಆಮೇಲೆ ಎಲ್ಲಿ ಹೋದರು ಅಂತ ಹೇಳುವುದಿಲ್ಲ. ಹೆಳವರ ಪುಸ್ತಕದ ಜೀವಾಳವೇ ಅದು. ಒಂದು ಕೊರತೆ ಇದೆ, ಹೆಚ್ಚಾಗಿ ಗಂಡುಮಕ್ಕಳ ಸಾಲನ್ನೇ ಬರೆದಿರುತ್ತಾರೆ. ಹೆಣ್ಣುಮಕ್ಕಳ ಹೆಸರನ್ನೂ ಬರೆದುಕೊಳ್ಳಿ ಅಂತ ನೀವೇ ಕೇಳಿಕೊಳ್ಳಿ.

ನೀವು ಬೆಂಗಳೂರಿನಲ್ಲೋ ಪುಣೆಯಲ್ಲೋ ಇದ್ದರೆ ಹೆಳವರು ನಿಮ್ಮ ಫ್ಲ್ಯಾಟಿಗೆ ಬರುವುದಿಲ್ಲ. ಊರಿನಲ್ಲಿ ಉಳಿದಿರುವ ದೊಡ್ಡಪ್ಪ ಕಾಕಂದಿರ ಮನೆಗೆ ಬಂದೇ ಬರುತ್ತಾರೆ. ಮುಂದಿನ ಸಲ ಬಂದಾಗ ಫೋನ್ ಮಾಡಲು ಹೇಳಿ, ಅವರ ಮೊಬೈಲ್ ನಂಬರ್ ಇಸಿದುಕೊಳ್ಳಲು ಹೇಳಿ. ಓದುವುದನ್ನು ರೆಕಾರ್ಡ್ ಮಾಡಬಹುದಾ ಅಂತ ಮೊದಲು ಕೇಳಿ, ಸುಮ್ನೆ ಫೋಟೋ ಹೊಡೆಯಲು ಹೋಗಬೇಡಿ. ಅದು ಅವರ ಅನ್ನದ ಪುಸ್ತಕ. ಓದಿಸಿದ್ದಕ್ಕೆ ತಕ್ಕ ಕಾಣಿಕೆ ಕೊಡಿ, ಚೌಕಾಸಿ ಬೇಡ.

ಕಾಗದಪತ್ರ

ಹಳೇ ಉತಾರ, ಖರೀದಿ ಪತ್ರ, ಪಾಲುಪಟ್ಟಿ, ಲಗ್ನಪತ್ರಿಕೆ, ಎಲ್ಲದರಲ್ಲೂ ಊರಿನ ಹೆಸರು ಹುಡುಕಿ. ಮುಂಬೈ ಪ್ರಾಂತದಲ್ಲಿದ್ದ ಜಿಲ್ಲೆಗಳ ಹಳೇ ಕಾಗದ ಮೋಡಿ ಲಿಪಿಯಲ್ಲಿ, ಅಂದರೆ ಹಿಂದೆ ಮರಾಠಿ ಬರೆಯುತ್ತಿದ್ದ ಕೂಡುಬರಹದಲ್ಲಿ ಇರಬಹುದು. ಓದಲು ಬರಲಿಲ್ಲ ಅಂತ ರದ್ದಿಗೆ ಹಾಕಬೇಡಿ, ಮೋಡಿ ಓದುವವರು ಇನ್ನೂ ಇದ್ದಾರೆ.

ಊರಿಗೆ ಹೋದಾಗ

ಹೋದ ತಕ್ಷಣ ನಿಮ್ಮ ಅಡ್ಡಹೆಸರು ಹೇಳಿ 'ಈ ಮನೆತನದವರು ಇದ್ದಾರಾ' ಅಂತ ಕೇಳಿದರೆ ಉಪಯೋಗ ಇಲ್ಲ. ಮೊದಲೇ ಹೇಳಿದ ಹಾಗೆ, ಆ ಊರಿನಲ್ಲಿ ನಿಮ್ಮವರಿಗೆ ಆ ಹೆಸರು ಇರಲೇ ಇಲ್ಲ. ಅಲ್ಲಿ ಅವರು ಕೆಳಗಿನಮನಿಯವರೋ ತೋಟದವರೋ ಇನ್ಯಾರೋ ಆಗಿದ್ದರು. ಬೆಡಗು, ಮನೆದೇವರು, ಗೊತ್ತಿದ್ದರೆ ಹೊರಟುಹೋದ ಹಿರಿಯರ ಹೆಸರು, ಇಷ್ಟು ಹಿಡಿದುಕೊಂಡು ಗುಡಿಯ ಪೂಜಾರಿಯನ್ನೋ ಮಠದವರನ್ನೋ ಕಟ್ಟೆಯ ಮೇಲೆ ಕೂತ ಹಿರಿಯರನ್ನೋ ಮಾತಾಡಿಸಿ. 'ಇಂಥ ಬೆಡಗಿನವರು ಯಾರಾದರೂ ಊರು ಬಿಟ್ಟು ಹೋಗಿದ್ದರಾ?' ಅಂತ ಕೇಳಿ. ಮೊದಲೇ ಒಂದು ಮಾತು ಸ್ಪಷ್ಟ ಮಾಡಿಬಿಡಿ: ಹೊಲದ ವಿಚಾರಕ್ಕೆ ಬಂದಿಲ್ಲ ಅಂತ. ಪೇಟೆಯಿಂದ ಬಂದವರು ಹಳೇ ವಂಶಾವಳಿ ಕೇಳಿದರೆ ಪಾಲು ಕೇಳಲು ಬಂದರಾ ಅಂತ ಜನ ಹಿಂಜರಿಯುವುದು ಸಹಜ.

ಅಡ್ಡಹೆಸರು ಒಂದೇ ಇದ್ದ ಮಾತ್ರಕ್ಕೆ ಅಣ್ಣತಮ್ಮಂದಿರಾಗುವುದಿಲ್ಲ. ಒಂದೇ ಊರಿನಿಂದ ಬೇರೆ ಬೇರೆ ಕಾಲಕ್ಕೆ, ಬೇರೆ ಬೇರೆ ಜಾತಿಯವರು, ಹಿಂದೂಗಳು, ಮುಸ್ಲಿಮರು ಎಲ್ಲರೂ ಹೊರಟಿದ್ದಾರೆ, ಎಲ್ಲರೂ ಆ ಊರಿನ ಹೆಸರನ್ನೇ ಹೊತ್ತಿದ್ದಾರೆ. ಹುಬ್ಬಳ್ಳಿ, ಸವಣೂರ, ಬಿಜಾಪುರ ಹೆಸರಿನವರನ್ನು ಯಾವ ಸಮುದಾಯದಲ್ಲಿ ಬೇಕಾದರೂ ನೋಡಿ. ರಕ್ತಸಂಬಂಧ ಇಲ್ಲದಿದ್ದರೂ ಒಂದೇ ಕೆರೆಯ ನೀರು ಕುಡಿದವರ ಮಕ್ಕಳು ಅನ್ನುವ ನಂಟು ಇದೆಯಲ್ಲ, ಅದು ನನಗೆ ದೊಡ್ಡದೇ ಅನ್ನಿಸುತ್ತದೆ.

ಊರು ಬಿಟ್ಟವರ ಜೊತೆ ಊರಿನ ಹೆಸರೂ ಹೊರಡುವುದು ಕರಾವಳಿಯ ಸಾರಸ್ವತರಲ್ಲಿ ಎದ್ದು ಕಾಣುತ್ತದೆ. ಹಳ್ಳಿಗಳಲ್ಲಿ ಶಾನುಭೋಗಿಕೆ ಮಾಡಿಕೊಂಡಿದ್ದವರು ಓದು, ಕೆಲಸ ಅಂತ ಮುಂಬೈಗೆ, ಬೆಂಗಳೂರಿಗೆ ಹೊರಟಾಗ ಊರಿನ ಹೆಸರೂ ಜೊತೆಗೆ ಹೊರಟಿತು. ಪಡುಕೋಣೆ, ಕಾರ್ನಾಡು, ಬೆನಗಲ್, ಹಟ್ಟಿಯಂಗಡಿ, ಹೆಮ್ಮಾಡಿ ಎಲ್ಲ ಊರುಗಳೇ. 1980ರಲ್ಲಿ ಆಲ್ ಇಂಗ್ಲೆಂಡ್ ಬ್ಯಾಡ್ಮಿಂಟನ್ ಗೆದ್ದ ಪ್ರಕಾಶ್ ಪಡುಕೋಣೆ ಹುಟ್ಟಿದ್ದು ಬೆಂಗಳೂರಿನಲ್ಲಿ. ಗಿರೀಶ ಕಾರ್ನಾಡ ಹುಟ್ಟಿದ್ದು ಮಹಾರಾಷ್ಟ್ರದ ಮಾಥೇರಾನದಲ್ಲಿ, ಅವರ ಹೆಸರಿನ ಊರು ಇರುವುದು ಮೂಲ್ಕಿಯ ಹತ್ತಿರ. ಗಾಯಕಿ ಸುಮನ್ ಕಲ್ಯಾಣಪುರ ಹುಟ್ಟಿದ್ದು ಢಾಕಾದಲ್ಲಿ, ತವರಿನ ಹೆಸರು ಹೆಮ್ಮಾಡಿ, ಗಂಡನ ಮನೆಯದು ಕಲ್ಯಾಣಪುರ. ಎರಡೂ ಈಗಿನ ಉಡುಪಿ ಜಿಲ್ಲೆಯ ಊರುಗಳು.

ಸಿಕ್ಕಿದ್ದನ್ನು ಬರೆದಿಡಿ

ಊರು, ತಾಲ್ಲೂಕು, ಜಿಲ್ಲೆ, ಯಾರು ಹೇಳಿದರು, ಯಾವ ತಾರೀಖು, ಇಷ್ಟನ್ನು ಕನ್ನಡದಲ್ಲಿ ಬರೆದಿಡಿ. ತಾಲ್ಲೂಕು ಬಿಟ್ಟು ಬರೆದರೆ ಮುಂದಿನವರು ಮತ್ತೆ ಐದು ಶಿರೂರುಗಳ ಮುಂದೆ ನಿಲ್ಲಬೇಕಾಗುತ್ತದೆ. ಹಳೇ ಮೈಸೂರಿನವರು ಇನಿಷಿಯಲ್‌ಗಳ ಪೂರ್ತಿ ರೂಪವನ್ನು ತಪ್ಪದೆ ಬರೆಯಿರಿ. ಪಾಸ್‌ಪೋರ್ಟಿಗೆ ಅಂತ ಇನಿಷಿಯಲ್ ಬಿಡಿಸುವಾಗ ಒಬ್ಬ ಮಗ ಊರಿನ ಹೆಸರನ್ನು ಕೊನೆಗೆ ಹಾಕುತ್ತಾನೆ, ಇನ್ನೊಬ್ಬ ಅಪ್ಪನ ಹೆಸರನ್ನು ಹಾಕುತ್ತಾನೆ. ಅಮೆರಿಕದಲ್ಲಿ ಹುಟ್ಟಿದ ಅವರ ಮಕ್ಕಳು ಒಡಹುಟ್ಟಿದವರ ಮಕ್ಕಳಾಗಿಯೂ ಬೇರೆ ಬೇರೆ ಅಡ್ಡಹೆಸರಿನವರಾಗಿಬಿಡುತ್ತಾರೆ. ಆ ಎರಡು ಹೆಸರು ಒಂದೇ ಮನೆಯವು ಅನ್ನುವುದಕ್ಕೆ ನೀವು ಬರೆದಿಟ್ಟ ಹಾಳೆಯೇ ಆಧಾರ, ಅದರ ಒಂದೊಂದು ಪ್ರತಿ ಎರಡೂ ಮನೆಗೆ ಕಳಿಸಿ.