ಓಲೆಗರಿಗೆ ಎಣ್ಣೆ ಹಚ್ಚುವುದು ತಲೆಗೆ ಹಚ್ಚಿದ ಹಾಗಲ್ಲ

ಬೆಂಗಳೂರಿನಲ್ಲಿರುವ ನನ್ನ ಮೊಮ್ಮಗಳು ಮಾಯಾಲೋಕದ ಕಥೆಯೊಂದನ್ನು ಬರೆಯುತ್ತಿದ್ದಾಳೆ. ಅರಮನೆಯ ಓಲೆಭಂಡಾರ, ಅಂದರೆ ತಾಳೆಗರಿಯಲ್ಲಿ ಬರೆದ ಹಳೇ ಗ್ರಂಥಗಳ ಕೋಣೆ, ಕಾಯುವ ಮುದುಕಿಯ ಕಥೆ. ಚೆನ್ನಾಗಿದೆ. ಆದರೆ ಆ ಮುದುಕಿ ಪಂಜು ಹಿಡಿದು ಭಂಡಾರದೊಳಗೆ ಓಡಾಡುತ್ತಾಳೆ, ಬೆರಳಿಗೆ ಎಂಜಲು ಹಚ್ಚಿ ಗರಿ ತಿರುವುತ್ತಾಳೆ! ಮಾಯಾಲೋಕವಾದರೇನು, ಗರಿ ಗರಿಯೇ ಅಲ್ವಾ ಎಂದು ಫೋನಿನಲ್ಲೇ ಗದರಿದೆ. ಸಂಕ್ರಾಂತಿಗೆ ಕೊಪ್ಪಕ್ಕೆ ಬಂದವಳು ಅಟ್ಟದಲ್ಲಿದ್ದ ನಮ್ಮ ಮನೆಯ ಓಲೆಗರಿ ಕಟ್ಟನ್ನೇ ಇಳಿಸಿಕೊಂಡು, ಒದ್ದೆ ಬಟ್ಟೆ ಹಿಡಿದು ಒರೆಸಲು ಕೂತಿದ್ದಳು. ನನ್ನ ಎದೆ ಧಸಕ್ಕೆಂದಿತು.

ಅವಳೊಬ್ಬಳೇ ಅಲ್ಲ. ಹಳೇ ಗರಿ ಸಿಕ್ಕಿದರೆ ಈಗಿನವರು ಹಪ್ಪಳದ ಹಾಗೆ ಬಿಸಿಲಿಗೆ ಹರಡುತ್ತಾರೆ, ಮುರಿದಲ್ಲಿ ಸೆಲ್ಲೋಟೇಪ್ ಅಂಟಿಸುತ್ತಾರೆ, ಆಮೇಲೆ ಪ್ಲಾಸ್ಟಿಕ್ ಕವರಿನಲ್ಲಿ ಬಿಗಿದು ಬೀರುವಿಗೆ ತಳ್ಳುತ್ತಾರೆ. ನಮ್ಮ ಮಳೆಗಾಲದಲ್ಲಿ ಪ್ಲಾಸ್ಟಿಕ್ಕಿನೊಳಗೆ ಇಟ್ಟಿದ್ದಕ್ಕೆ ಬೂಷ್ಟು ಹಿಡಿಯದೆ ಇರುತ್ತದೆಯೇ? ಹಿಂದೆ ಅಟ್ಟ ಅಡುಗೆಮನೆಯ ಮೇಲೇ ಇರುತ್ತಿತ್ತು. ಒಲೆಯ ಹೊಗೆಗೆ ಶೀತವೂ ಬರುತ್ತಿರಲಿಲ್ಲ, ಹುಳವೂ ಬರುತ್ತಿರಲಿಲ್ಲ. ಗ್ಯಾಸ್ ಬಂದ ಮೇಲೆ ಆ ಕಾವಲು ಹೋಯಿತು.

ಸಂಕ್ರಾಂತಿ ಕಳೆದು ಶಿವರಾತ್ರಿಯೊಳಗೆ ಒಂದು ಒಣ ದಿನ ಕಟ್ಟು ಬಿಚ್ಚಿ. ನೆರಳಿರುವ ಜಗಲಿಯೇ ಸಾಕು. ಮೆತ್ತನೆಯ ಬ್ರಷ್‌ನಿಂದ ಧೂಳು ತೆಗೆಯಿರಿ. ಎರಡು ಗರಿ ಅಂಟಿಕೊಂಡಿದ್ದರೆ ಎಳೆಯಲೇಬೇಡಿ. ಅಂಥದ್ದನ್ನು ಶ್ರವಣಬೆಳಗೊಳಕ್ಕೋ ಮೈಸೂರಿನ ಪ್ರಾಚ್ಯವಿದ್ಯಾ ಸಂಶೋಧನಾಲಯಕ್ಕೋ ಒಯ್ದು, ಬಲ್ಲವರ ಕೈಗೆ ಕೊಡಿ.

ಈಗ ಎಣ್ಣೆ. ಕೊಬ್ಬರಿ ಎಣ್ಣೆ ಬೇಡ, ಅದು ಜಿಡ್ಡಾಗಿ ಧೂಳು ಹಿಡಿಯುತ್ತದೆ. ಮಜ್ಜಿಗೆ ಹುಲ್ಲಿನ (ಲೆಮನ್‌ಗ್ರಾಸ್) ಎಣ್ಣೆಯೇ ಆಗಬೇಕು. ಅಕ್ಷರ ಮಾಸಿದ್ದರೆ ಜೊತೆಗೆ ಮಸಿಯೂ ಬೇಕು. ಅದಕ್ಕೆ ಹಿಂದಿನ ರಾತ್ರಿ ಹರಳೆಣ್ಣೆ ದೀಪದ ಮೇಲೆ ಕಂಚಿನ ಬಟ್ಟಲು ಬೋರಲು ಹಾಕಿಡಿ, ಗಾಳಿ ಆಡುವಷ್ಟು ಸಂದು ಬಿಟ್ಟು. ಬೆಳಿಗ್ಗೆ ಬಟ್ಟಲಿಗೆ ಹಿಡಿದ ಕಾಡಿಗೆಯನ್ನು ಗರಿಯಿಂದಲೇ ಕೆರೆಯುವುದಲ್ಲ ಮತ್ತೆ, ಒಂದು ಚಮಚದಲ್ಲಿ ಕೆರೆದುಕೊಳ್ಳಿ. ಕಣ್ಣಿಗೆ ಹಚ್ಚುವ ಕಾಡಿಗೆಯ ಹಾಗೆ ಇದಕ್ಕೆ ತುಪ್ಪ ಸೇರಿಸಬಾರದು. ಎರಡು ಹನಿ ಮಜ್ಜಿಗೆ ಹುಲ್ಲಿನ ಎಣ್ಣೆಯಲ್ಲಿ ಕಲಸಿ, ಹತ್ತಿಯುಂಡೆಯಲ್ಲಿ ಅದ್ದಿ, ಸಾಲು ಹೋದ ದಿಕ್ಕಿಗೇ ಮೆಲ್ಲಗೆ ಎಳೆಯಿರಿ. ಅಡ್ಡ ಉಜ್ಜಿದರೆ ಗರಿಯ ನಾರು ಏಳುತ್ತದೆ. ಕಂಠದಲ್ಲಿ, ಅಂದರೆ ಗರಿಯ ಮೇಲೆ ಬರೆಯುವ ಕಬ್ಬಿಣದ ಕಡ್ಡಿಯಲ್ಲಿ, ಕೊರೆದ ಗೆರೆಯೊಳಗೆ ಮಸಿ ಇಳಿಯಲು ಒಂದು ಲೋಟ ಕಾಫಿ ಕುಡಿಯುವಷ್ಟು ಹೊತ್ತು ಬಿಡಿ. ಆಮೇಲೆ ಒಣ ಹತ್ತಿಯಲ್ಲಿ ಒರೆಸಿದರೆ ಮೇಲಿನ ಮಸಿ ಹೋಗಿ ಅಕ್ಷರ ಮಾತ್ರ ಕಪ್ಪಗೆ ಎದ್ದು ಬರುತ್ತದೆ. ಅದನ್ನು ನೋಡುವುದೇ ಒಂದು ಖುಷಿ. ಅಕ್ಷರ ಮೊದಲೇ ಕಪ್ಪಗಿದ್ದರೆ ಮಸಿ ಬೇಡ, ಬರೀ ಎಣ್ಣೆ ಸಾಕು. ಶಾಯಿಯಲ್ಲಿ ಬರೆದದ್ದಾದರೆ ಮುಟ್ಟಲೇಬೇಡಿ, ಅಳಿಸಿಹೋಗುತ್ತದೆ. ಎಣ್ಣೆ ಎಷ್ಟು ಅಂದರೆ, ಗರಿ ಮುಟ್ಟಿದ ಬೆರಳಿಗೆ ಘಮ ಬರಬೇಕು, ಜಿಡ್ಡು ಬರಬಾರದು.

ಇದನ್ನು ಕಲಿಸಿದ್ದು ನಮ್ಮ ಅತ್ತೆ. ಅವರು ದಿನಕ್ಕೆ ಹತ್ತು ಗರಿಗಿಂತ ಜಾಸ್ತಿ ಮಾಡಲು ಬಿಡುತ್ತಿರಲಿಲ್ಲ, ಸುಸ್ತಾದ ಕೈ ಒರಟಾಗುತ್ತದೆ ಅನ್ನುತ್ತಿದ್ದರು. ನನ್ನ ತವರಿನಲ್ಲಿ ಇಂಥ ಕೈ ಇರಲಿಲ್ಲ. ಓದಲು ಬರುವವರಿಲ್ಲವೆಂದು ಅರ್ಧ ಕಟ್ಟು ಹಂಡೆ ಒಲೆಗೆ ಹೋಯಿತು. ಆ ಬಿಸಿನೀರಿನಲ್ಲಿ ನಾನೂ ಸ್ನಾನ ಮಾಡಿದ್ದೇನೆ, ನೆನೆದರೆ ಈಗಲೂ ಸಂಕಟವಾಗುತ್ತದೆ. 1905ರಲ್ಲಿ ಮೈಸೂರಿನಲ್ಲಿ ಸಂಸ್ಕೃತ ವಿದ್ವಾಂಸ ಆರ್. ಶಾಮಶಾಸ್ತ್ರಿಗಳ ಕಣ್ಣಿಗೆ ಬಿದ್ದ ಕೌಟಿಲ್ಯನ ಅರ್ಥಶಾಸ್ತ್ರವೂ ಗರಿಯ ಕಟ್ಟೇ. ಯಾರೋ ಒಲೆಗೆ ಹಾಕದೆ ಇಟ್ಟಿದ್ದಕ್ಕೆ ತಾನೆ ಸಿಕ್ಕಿದ್ದು?

ಜೋಡಿಸುವಾಗ ಅಂಚಿನ ಅಂಕಿ ನೋಡಿಕೊಳ್ಳಿ. ಮೇಲೆ ಕೆಳಗೆ ಹಲಗೆ ಇಟ್ಟು, ಗರಿ ಸೊಟ್ಟಗಾಗದಷ್ಟು ಬಿಗಿಯಾಗಿ ಕಟ್ಟಿ. ದಾರ ಗರಿಯನ್ನು ಕೊಯ್ಯುವಷ್ಟು ಬಿಗಿ ಬೇಡ. ಸುತ್ತುವ ಕೆಂಪು ಬಟ್ಟೆ ಹೊಸದಾದರೆ ಎರಡು ಸಲ ಒಗೆಯಿರಿ, ಗಂಜಿ ಉಳಿದರೆ ಹುಳಕ್ಕೆ ಔತಣ ಕೊಟ್ಟ ಹಾಗೆ. ಹುಳ ಬಾರದ ಹಾಗೆ ಪಕ್ಕದಲ್ಲಿ ಒಂದು ತುಂಡು ಬಜೆ ಬೇರು ಇಡಿ. ಕೈ ಮಾತ್ರ ಒಣಗಿರಬೇಕು.

ಮೊಮ್ಮಗಳು ಮೂರು ದಿನ ಕೂತು ಇಪ್ಪತ್ತೆಂಟು ಗರಿ ಮಾಡಿ ಹೋದಳು. ಉಳಿದದ್ದಕ್ಕೆ ಶಿವರಾತ್ರಿಗೆ ಬರುತ್ತಾಳಂತೆ. ಅವಳ ಕಥೆಯ ಮುದುಕಿಯ ಕೈಯಿಂದ ಪಂಜನ್ನೂ ತೆಗೆಸಿದ್ದೇನೆ.