ಕುದುರೆಯಿಂದ ಬಡ್ಡಿಯವರೆಗೆ: ರೋಮ್ ಬಗ್ಗೆ ನಾನು ಓದಿದ್ದು ಹೀಗೆ

ನಾನು ಚಿತ್ರದುರ್ಗ ಜಿಲ್ಲೆಯ ಒಂದು ಪತ್ತಿನ ಸಹಕಾರ ಸಂಘದಲ್ಲಿ ಲೆಕ್ಕ ಬರೆಯುವವನು. ಇಪ್ಪತ್ತಾರು ವರ್ಷದಿಂದ ಖಾತೆ, ವಸೂಲಿ, ಸುಸ್ತಿ ಬಡ್ಡಿ, ಇಷ್ಟೇ ನನ್ನ ಲೋಕ. ಓದಿದ್ದು ಬಿಕಾಂ. ಇತಿಹಾಸಕ್ಕೂ ನನಗೂ ಹೈಸ್ಕೂಲಿನಲ್ಲೇ ಸಂಬಂಧ ಕಡಿದಿತ್ತು. ಆದರೆ ಈಗ ನಾಲ್ಕು ವರ್ಷದಿಂದ ರಾತ್ರಿ ಊಟ ಆದ ಮೇಲೆ ಒಂದು ಗಂಟೆ ರೋಮನ್ನರ ಪುಸ್ತಕ ಹಿಡಿದು ಕೂರುತ್ತೇನೆ.

ಶುರುವಾಗಿದ್ದು ಒಂದು ಕುದುರೆಯಿಂದ. ಒಂದು ದಿನ ಊಟಕ್ಕೆ ಕೂತಾಗ ರಾಜಕೀಯದ ಮಾತು ಬಂತು. ನಾನು ದೊಡ್ಡದಾಗಿ, "ರೋಮ್‌ನಲ್ಲಿ ಕಲಿಗುಲ ಅಂತ ಒಬ್ಬ ರಾಜ ಇದ್ದ, ತನ್ನ ಕುದುರೆಯನ್ನೇ ಮಂತ್ರಿ ಮಾಡಿದ್ದ" ಅಂದೆ. ಪಿಯುಸಿ ಓದುತ್ತಿದ್ದ ಮಗಳು ಸಾರು ಕಲಸುತ್ತಲೇ ಕೇಳಿದಳು: "ಅಪ್ಪಾ, ಅದು ಯಾವ ಪುಸ್ತಕದಲ್ಲಿದೆ? ತೋರ್ಸು." ನನಗೆ ಗೊತ್ತಿರಲಿಲ್ಲ. ಎಲ್ಲೋ ಕೇಳಿದ್ದು, ಯಾರೋ ಹೇಳಿದ್ದು. ಓಚರ್ ಇಲ್ಲದೆ ಒಂದು ರೂಪಾಯಿ ಖರ್ಚು ಬರೆಯದ ನಾನು ಈ ಮಾತಿಗೆ ಓಚರ್ ತೋರಿಸಲಾಗದೆ ಸುಮ್ಮನಾದೆ.

ಹುಡುಕಿದೆ. ಆ ಮಾತು ಇರುವುದು ಸ್ಯೂಟೋನಿಯಸ್ ಬರೆದ ಹನ್ನೆರಡು ಸೀಸರ್‌ಗಳ ಚರಿತ್ರೆಯಲ್ಲಿ. ಕುದುರೆಯ ಹೆಸರು ಇನ್ಸಿಟಾಟಸ್. ಅದಕ್ಕೆ ಅಮೃತಶಿಲೆಯ ಲಾಯ, ದಂತದ ಗೋದಲಿ, ನೇರಳೆ ಬಣ್ಣದ ಹೊದಿಕೆ, ರತ್ನದ ಕೊರಳಪಟ್ಟಿ, ಜೊತೆಗೆ ಒಂದು ಮನೆ, ಆಳುಕಾಳು ಎಲ್ಲ ಇತ್ತು ಎನ್ನುತ್ತಾನೆ. ಕೊನೆಗೆ, ಅದನ್ನು ಕಾನ್ಸಲ್, ಅಂದರೆ ಚಕ್ರವರ್ತಿಯ ಕೆಳಗಿನ ಅತಿ ದೊಡ್ಡ ಅಧಿಕಾರಿ, ಮಾಡಬೇಕು ಅಂತಲೂ ಕಲಿಗುಲ ಯೋಚಿಸಿದ್ದನಂತೆ. ಗಮನಿಸಿ, "ಯೋಚಿಸಿದ್ದನಂತೆ". ಮಾಡಿದ ಅಂತ ಇಲ್ಲ. ಯೋಚಿಸಿದ ಅಂತಲೂ ಖಚಿತವಾಗಿ ಇಲ್ಲ. ಲ್ಯಾಟಿನ್‌ನಲ್ಲಿ "ಹಾಗೆ ಹೇಳುತ್ತಾರೆ" ಅನ್ನುವ ಪದ ಇದೆ, ನಮ್ಮಲ್ಲಿ ಅದಕ್ಕೆ ಒಂದು "ಅಂತೆ" ಸಾಕು. ಬಾಯಿಂದ ಬಾಯಿಗೆ ಬರುವಾಗ ಆ "ಅಂತೆ" ಎಲ್ಲೋ ಬಿದ್ದುಹೋಗಿತ್ತು. ಅಲ್ಲದೆ ಕಲಿಗುಲ ಸತ್ತಿದ್ದು ಕ್ರಿ.ಶ. 41ರಲ್ಲಿ, ಸ್ಯೂಟೋನಿಯಸ್ ಬರೆದಿದ್ದು ಸುಮಾರು 80 ವರ್ಷ ಆದ ಮೇಲೆ. ಆ ಕಾಲದ ಬಗ್ಗೆ ಟ್ಯಾಸಿಟಸ್ ಅನ್ನುವ ಇತಿಹಾಸಕಾರ ಕೂಡ ಬರೆದಿದ್ದ. ಆದರೆ ಅವನ ಪುಸ್ತಕದಲ್ಲಿ ಕಲಿಗುಲನ ಭಾಗವೇ ಕಳೆದುಹೋಗಿದೆ. ತಾಳೆ ನೋಡಲು ಆ ಲೆಡ್ಜರ್ ಇಲ್ಲ ಅಂದ ಹಾಗೆ.

ಇದು ನನಗೆ ಮಜಾ ಕೊಟ್ಟಿತು. ಓದಲೇಬೇಕು ಅನ್ನಿಸಿತು. ಆಮೇಲೆ ಮಾಡಿದ್ದು ದೊಡ್ಡ ತಪ್ಪು: ನೇರವಾಗಿ, ರೋಮ್ ಸಾಮ್ರಾಜ್ಯದ ಅವನತಿಯ ಕಥೆ ಬರೆದ ಗಿಬ್ಬನ್‌ನ ಪುಸ್ತಕಕ್ಕೆ ಕೈಹಾಕಿದೆ. 1776ರಿಂದ 1788ರವರೆಗೆ ಬಂದ ಆರು ಸಂಪುಟ. ಕನ್ನಡ ಮಾಧ್ಯಮದಲ್ಲಿ ಓದಿದವನಿಗೆ ಹದಿನೆಂಟನೇ ಶತಮಾನದ ಇಂಗ್ಲಿಷ್ ಅಂದರೆ ಕಬ್ಬಿಣದ ಕಡಲೆ. ಒಂದು ವಾಕ್ಯ ಮುಗಿಯುವಷ್ಟರಲ್ಲಿ ಶುರುವಿನಲ್ಲಿ ಏನಿತ್ತು ಅನ್ನುವುದೇ ಮರೆಯುತ್ತಿತ್ತು. ಅದಕ್ಕಿಂತ ಜಾಸ್ತಿ, ಅವನು ಕಥೆ ಎತ್ತಿಕೊಳ್ಳುವುದೇ ಕ್ರಿ.ಶ. ಎರಡನೇ ಶತಮಾನದಿಂದ. ಜೂಲಿಯಸ್ ಸೀಸರ್ ಸತ್ತು ಆಗಲೇ ನೂರೈವತ್ತು ವರ್ಷದ ಮೇಲಾಗಿರುತ್ತದೆ. ಅರವತ್ತು ಪುಟಕ್ಕೆ ಮುಚ್ಚಿಟ್ಟೆ. ಅದು ಇಂದಿಗೂ ಬೀರುವಿನ ಮೇಲಿದೆ.

ಎರಡನೇ ಸಲ ಲಿವಿ ಅನ್ನುವ ರೋಮನ್ ಇತಿಹಾಸಕಾರನ ಪುಸ್ತಕ ತೆಗೆದೆ. 142 "ಪುಸ್ತಕ" ಅಂತ ಓದಿ ಎದೆ ಧಸಕ್ ಅಂತು. ಆಮೇಲೆ ತಿಳಿದಿದ್ದು, ಅವರ ಪುಸ್ತಕ ಅಂದರೆ ಪಪೈರಸ್‌ನ ಒಂದು ಸುರುಳಿ. ನಮ್ಮ ಒಂದು ಪರ್ವ, ಒಂದು ಕಾಂಡ ಇದ್ದಂತೆ. ಅದರಲ್ಲೂ ಉಳಿದಿರುವುದು 35 ಮಾತ್ರ. ಆದರೆ ಹೆಸರುಗಳು ತಲೆ ತಿಂದವು. ರೋಮನ್ನರಲ್ಲಿ ಇಡುವ ಹೆಸರೇ ಹತ್ತಿಪ್ಪತ್ತು. ಅಪ್ಪ ಮಾರ್ಕಸ್, ಮಗ ಮಾರ್ಕಸ್, ಮೊಮ್ಮಗ ಮಾರ್ಕಸ್. ನಮ್ಮ ಕಡೆ ಅಜ್ಜನ ಹೆಸರು ಮೊಮ್ಮಗನಿಗೆ ಇಡುತ್ತಾರಲ್ಲ, ಅದೇ ಗೋಳು. ಹೆಣ್ಣುಮಕ್ಕಳಿಗಂತೂ ಮನೆತನದ ಹೆಸರೇ ಹೆಸರು: ಕಾರ್ನೀಲಿಯಸ್ ಮನೆಯಲ್ಲಿ ಹುಟ್ಟಿದವಳು ಕಾರ್ನೀಲಿಯಾ. ಇಬ್ಬರಿದ್ದರೆ ದೊಡ್ಡವಳು, ಚಿಕ್ಕವಳು.

ದಾರಿ ತೆರೆದಿದ್ದು ಕಾಗದಗಳು. ಕಿರಿಯ ಪ್ಲಿನಿ ಅಂತ ಒಬ್ಬ ವಕೀಲ, ಅಧಿಕಾರಿ. ಅವನ ಪತ್ರಗಳು ಒಂದೆರಡು ಪುಟದವು. ಒಂದು ರಾತ್ರಿಗೆ ಒಂದು ಓದಿ ಮಲಗಬಹುದು. ಹಳೆಯ ಇಂಗ್ಲಿಷ್ ಅನುವಾದಗಳು ಇಂಟರ್ನೆಟ್ ಆರ್ಕೈವ್‌ನಲ್ಲಿ ಪುಕ್ಕಟೆ ಸಿಗುತ್ತವೆ. ಬೇಕಾದ ಪುಟ ಪ್ರಿಂಟ್ ತೆಗೆಸಿ ಸ್ಪೈರಲ್ ಬೈಂಡಿಂಗ್ ಮಾಡಿಸಿದೆ. ಕ್ರಿ.ಶ. 79ರಲ್ಲಿ ವೆಸೂವಿಯಸ್ ಬೆಟ್ಟ ಸಿಡಿದಾಗ ಇವನಿಗೆ ಹದಿನೇಳು ವರ್ಷ. ದೂರದಲ್ಲಿ ಬೆಟ್ಟ ಉರಿಯುತ್ತಿದೆ, ನೆಲ ನಡುಗುತ್ತಿದೆ. ಈ ಹುಡುಗ ಲಿವಿಯ ಪುಸ್ತಕ ತರಿಸಿಕೊಂಡು ಟಿಪ್ಪಣಿ ಮಾಡುತ್ತಾ ಕೂತಿದ್ದನಂತೆ. ಹಾಗಂತ ಅವನೇ ಬರೆದುಕೊಂಡಿದ್ದಾನೆ.

ಅವನ ಸೋದರಮಾವ ಹಿರಿಯ ಪ್ಲಿನಿ ಇನ್ನೂ ವಿಚಿತ್ರ. ಊಟ ಮಾಡುವಾಗಲೂ ಒಬ್ಬ ಗಟ್ಟಿಯಾಗಿ ಓದಬೇಕು. ಒಂದು ಸಲ ಓದುವವನು ಒಂದು ಪದ ತಪ್ಪು ಹೇಳಿದ. ಜೊತೆಗಿದ್ದ ಸ್ನೇಹಿತ ತಡೆದು ಮತ್ತೆ ಓದಿಸಿದ. ಪ್ಲಿನಿ ಕೇಳಿದ: ಅರ್ಥ ಆಗಿತ್ತು ತಾನೇ? ಹೌದು ಅಂದ. ಮತ್ತೆ ಯಾಕೆ ತಡೆದೆ, ನಿನ್ನಿಂದ ಹತ್ತು ಸಾಲು ಹಾಳಾಯಿತು! ಇವನು ಸತ್ತಾಗ ಎರಡೂ ಬದಿ ಸಣ್ಣ ಅಕ್ಷರದಲ್ಲಿ ಬರೆದ 160 ಟಿಪ್ಪಣಿ ಸುರುಳಿಗಳನ್ನು ಅಳಿಯನಿಗೆ ಬಿಟ್ಟುಹೋದ. ಹಿಂದೊಮ್ಮೆ, ಇನ್ನೂ ಅಷ್ಟೊಂದು ಆಗಿರದಿದ್ದಾಗಲೇ, ಅದಕ್ಕೆ ಒಬ್ಬ 4 ಲಕ್ಷ ಸೆಸ್ಟರ್ಸ್ ಕೊಡುತ್ತೇನೆ ಅಂದಿದ್ದನಂತೆ.

ಇಲ್ಲಿ ನನ್ನೊಳಗಿನ ಗುಮಾಸ್ತ ಎದ್ದು ಕೂತ. 4 ಲಕ್ಷ ಅಂದರೆ ಎಷ್ಟು? ಇದುವರೆಗೆ ದುಡ್ಡಿನ ಅಂಕಿ ಬಂದಾಗೆಲ್ಲ ಹಾರಿಸಿ ಓದುತ್ತಿದ್ದೆ. ಅವತ್ತು ಸಂಘದಲ್ಲಿ ಉಳಿದಿದ್ದ ಒಂದು ಹಳೆಯ ರೋಜು ಪುಸ್ತಕ ತಂದು ಅಂಕಿ ಬರೆಯಲು ಶುರುಮಾಡಿದೆ. 4 ಸೆಸ್ಟರ್ಸ್‌ಗೆ 1 ಡಿನೇರಿಯಸ್, ಅದು ಬೆಳ್ಳಿ. 25 ಡಿನೇರಿಯಸ್‌ಗೆ 1 ಆರಿಯಸ್, ಅದು ಚಿನ್ನ. ಮೊದಲ ಚಕ್ರವರ್ತಿ ಆಗಸ್ಟಸ್ ಕಾಲದ ಸಾಮಾನ್ಯ ಸೈನಿಕನ ವರ್ಷದ ಸಂಬಳ 225 ಡಿನೇರಿಯಸ್, ಅಂದರೆ 900 ಸೆಸ್ಟರ್ಸ್. ಹಾಗಾದರೆ ಆ ಟಿಪ್ಪಣಿಗೆ ಹೇಳಿದ ಬೆಲೆ ಒಬ್ಬ ಸೈನಿಕನ 444 ವರ್ಷದ ಸಂಬಳ! ಇನ್ನೊಂದು ಪುಟದಲ್ಲಿ ಸಿಕ್ಕಿತು: ಸೆನೆಟರ್‌ಗಳ ಕೆಳಗಿನ ದರ್ಜೆಗೆ, ಕುದುರೆ ಸವಾರರ ದರ್ಜೆ ಅಂತ ಹೆಸರು, ಸೇರಬೇಕಾದರೆ ಇರಬೇಕಾದ ಆಸ್ತಿಯೂ ಸರಿಯಾಗಿ 4 ಲಕ್ಷ. ಬರೀ ಅಂಕಿಯಾಗಿದ್ದದ್ದು ಮಾತಾಡತೊಡಗಿತು.

ಅಲ್ಲಿಂದ ನನ್ನ ಓದಿನ ರೀತಿಯೇ ಬದಲಾಯಿತು. ಯುದ್ಧ ಬಂದರೆ ಬೇಗ ಬೇಗ ದಾಟುತ್ತೇನೆ. ಬೆಲೆ, ಕೂಲಿ, ಬಡ್ಡಿ, ದಂಡ ಬಂದರೆ ನಿಲ್ಲುತ್ತೇನೆ. ಒಟ್ಟು ಕಥೆ ಕೈತಪ್ಪಬಾರದು ಅಂತ ಪಕ್ಕದಲ್ಲಿ ಮೇರಿ ಬಿಯರ್ಡ್ 2015ರಲ್ಲಿ ಬರೆದ "ಎಸ್‌ಪಿಕ್ಯೂಆರ್" ಇಟ್ಟುಕೊಳ್ಳುತ್ತೇನೆ. ಯಾವುದನ್ನು ನಂಬಬೇಕು, ಯಾವುದಕ್ಕೆ ಆಧಾರ ಕಮ್ಮಿ ಅಂತ ಆಕೆ ಬಿಡಿಸಿ ಹೇಳುತ್ತಾರೆ. ಹೊಸಬರು ಒಂದೇ ಪುಸ್ತಕ ಕೊಳ್ಳುವುದಾದರೆ ಅದನ್ನೇ ಕೊಳ್ಳಿ ಅನ್ನುತ್ತೇನೆ.

ಈಗ ಬ್ರೂಟಸ್‌ನ ವಿಷಯ. ಜೂಲಿಯಸ್ ಸೀಸರ್‌ನನ್ನು ಇರಿದವರಲ್ಲಿ ಒಬ್ಬ. ಕಾಲೇಜಿನಲ್ಲಿ ಓದಿದ ಶೇಕ್ಸ್‌ಪಿಯರ್ ನಾಟಕದಲ್ಲಿ ಅವನು ದೊಡ್ಡ ಮರ್ಯಾದಸ್ಥ. ರೋಮ್‌ನ ದೊಡ್ಡ ಭಾಷಣಕಾರ, ರಾಜಕಾರಣಿ ಸಿಸೆರೋ ತನ್ನ ಗೆಳೆಯ ಆಟಿಕಸ್‌ಗೆ ಬರೆದ ಪತ್ರಗಳಲ್ಲಿ ಬೇರೆ ಬ್ರೂಟಸ್ ಸಿಗುತ್ತಾನೆ. ಕ್ರಿ.ಪೂ. 51ರಲ್ಲಿ ಸಿಸೆರೋ ಸಿಲಿಸಿಯಾ ಪ್ರಾಂತ್ಯಕ್ಕೆ ಗವರ್ನರ್ ಆಗಿ ಹೋದ. ಸೈಪ್ರಸ್ ದ್ವೀಪವೂ ಅವನ ಕೈಕೆಳಗೆ. ಅಲ್ಲಿನ ಸಾಲಮಿಸ್ ಊರಿನವರು ಸಾಲ ಮಾಡಿದ್ದರು. ಬಡ್ಡಿ ತಿಂಗಳಿಗೆ ನೂರಕ್ಕೆ ನಾಲ್ಕು. ರೋಮನ್ನರೂ ನಮ್ಮ ಹಳ್ಳಿಯವರ ಹಾಗೆ ತಿಂಗಳ ಲೆಕ್ಕದಲ್ಲೇ ಬಡ್ಡಿ ಹೇಳುತ್ತಿದ್ದರು. ವರ್ಷಕ್ಕೆ 48. ಸಿಸೆರೋ ಹಾಕಿದ್ದ ಮಿತಿ ತಿಂಗಳಿಗೆ ನೂರಕ್ಕೆ ಒಂದು, ವರ್ಷಕ್ಕೆ 12. ವಸೂಲಿಗೆ ನಿಂತಿದ್ದವನು ಸ್ಕ್ಯಾಪ್ಟಿಯಸ್. ಇವನು ಹಿಂದಿನ ಗವರ್ನರ್‌ನಿಂದ ಕುದುರೆ ಸವಾರರನ್ನು ಪಡೆದು ಊರಿನ ಸಭೆಯನ್ನು ಸಭಾಭವನದಲ್ಲೇ ಕೂಡಿಹಾಕಿದ್ದ. ಐದು ಜನ ಹಸಿವಿನಿಂದ ಸತ್ತರು. ನಮ್ಮಲ್ಲಿ ಮೀಟರ್ ಬಡ್ಡಿಯವರು ಮನೆ ಮುಂದೆ ಬಂದು ಕೂರುತ್ತಾರಲ್ಲ, ಅದರ ಅಪ್ಪ ಇದು.

ಆ ಪತ್ರದಲ್ಲಿ ಒಂದು ದೃಶ್ಯವನ್ನು ನಾನು ಹತ್ತು ಸಲ ಓದಿದ್ದೇನೆ. ಮೊತ್ತವನ್ನು (ಅವರ ಲೆಕ್ಕ ಟ್ಯಾಲೆಂಟ್‌ನಲ್ಲಿ, ಅದು ದೊಡ್ಡ ಮೊತ್ತದ ಗ್ರೀಕ್ ಅಳತೆ) 200 ಟ್ಯಾಲೆಂಟ್‌ಗೆ ಏರಿಸಿ ಕೊಡಿ ಅಂತ ಸ್ಕ್ಯಾಪ್ಟಿಯಸ್ ಗವರ್ನರನ್ನೇ ಕೇಳುತ್ತಾನೆ. ಸಿಸೆರೋ ಊರಿನವರನ್ನು ಕರೆಸಿ, ನಿಮ್ಮ ಲೆಕ್ಕಕ್ಕೆ ಎಷ್ಟು ಅನ್ನುತ್ತಾನೆ. 106 ಅನ್ನುತ್ತಾರೆ. ಸ್ಕ್ಯಾಪ್ಟಿಯಸ್ ಕೂಗಾಡುತ್ತಾನೆ. ಇಬ್ಬರೂ ಕೂತು ಲೆಕ್ಕ ತಾಳೆ ನೋಡಿ ಅನ್ನುತ್ತಾನೆ ಸಿಸೆರೋ. ಕೂರುತ್ತಾರೆ, ಕೂಡುತ್ತಾರೆ, ಕಾಸಿಗೆ ಕಾಸು ಸರಿಹೋಗುತ್ತದೆ. 106! ಊರಿನವರು ಈಗಲೇ ಕೊಡುತ್ತೇವೆ ಅಂದರೂ ಅವನು ತಗೊಳ್ಳಲು ತಯಾರಿಲ್ಲ. ಹಾಗಾದರೆ ಬಡ್ಡಿ ನಿಲ್ಲಲಿ, ಹಣವನ್ನು ದೇವಸ್ಥಾನದಲ್ಲಿ ಠೇವಣಿ ಇಡುತ್ತೇವೆ ಅನ್ನುತ್ತಾರೆ. ಅದಕ್ಕೆ ಸಿಸೆರೋ ಒಪ್ಪುವುದಿಲ್ಲ. ವಿಷಯವನ್ನು ಹಾಗೇ ತೂಗುಹಾಕಿ ಬಿಟ್ಟುಬಿಡುತ್ತಾನೆ. ಯಾಕೆ ಅಂದರೆ ಸಾಲ ಕೊಟ್ಟ ನಿಜವಾದ ಧಣಿ ಬ್ರೂಟಸ್ ಅಂತ ಬ್ರೂಟಸ್‌ನ ಪತ್ರದಿಂದಲೇ ಗೊತ್ತಾಗಿರುತ್ತದೆ. ಇದನ್ನು ಸಂಘದಲ್ಲಿ ಹೇಳಿದಾಗ ನಮ್ಮ ವಸೂಲಿ ಗುಮಾಸ್ತರು, "ಸಾರ್, ಮೇಲಿಂದ ಫೋನ್ ಬಂತು ಅಂತ ಕಾಣುತ್ತೆ" ಅಂದರು.

ಇಂಥ ಕಡೆ ಸಮಾಜ ಕಾಣುವಷ್ಟು ಚಕ್ರವರ್ತಿಗಳ ಚರಿತ್ರೆಯಲ್ಲಿ ಕಾಣುವುದಿಲ್ಲ. ವೆಸೂವಿಯಸ್ ಬೂದಿಯಲ್ಲಿ ಹೂತುಹೋಗಿದ್ದ ಪಾಂಪೇ ಊರಿನಲ್ಲಿ 1875ರಲ್ಲಿ ಯುಕುಂಡಸ್ ಎಂಬ ಲೇವಾದೇವಿಗಾರನ ಮನೆಯಲ್ಲಿ 150ಕ್ಕೂ ಹೆಚ್ಚು ಮೇಣದ ಹಲಗೆಗಳು ಸಿಕ್ಕವು. ಎಲ್ಲ ಹಣದ ವ್ಯವಹಾರದ ರಸೀದಿಗಳು. ಅವುಗಳಲ್ಲಿ ತೀರಾ ಹಳೆಯದು ಕ್ರಿ.ಶ. 15ರದು: ಒಂದು ಹೇಸರಗತ್ತೆ, 520 ಸೆಸ್ಟರ್ಸ್. ಸೈನಿಕನ ಅರ್ಧ ವರ್ಷದ ಸಂಬಳಕ್ಕಿಂತ ಜಾಸ್ತಿ. ರೋಜು ಪುಸ್ತಕದಲ್ಲಿ ಇದಕ್ಕೆ ಕೆಂಪು ಇಂಕಿನಲ್ಲಿ ಗೆರೆ ಎಳೆದಿದ್ದೇನೆ.

ನಮ್ಮ ಚಂದ್ರವಳ್ಳಿಯಲ್ಲೂ ಆಗಸ್ಟಸ್, ಟೈಬೀರಿಯಸ್ ಕಾಲದ ಡಿನೇರಿಯಸ್ ನಾಣ್ಯಗಳು ಸಿಕ್ಕಿವೆ. ಚಿಕ್ಕಂದಿನಲ್ಲಿ ಪಿಕ್‌ನಿಕ್‌ಗೆ ಹೋಗಿ ಚಿತ್ರಾನ್ನ ತಿಂದು ಬಂದ ಜಾಗ ಅದು. ಭಾರತದ ಸರಕಿಗೆ ವರ್ಷಕ್ಕೆ 5 ಕೋಟಿ ಸೆಸ್ಟರ್ಸ್ ಹೋಗುತ್ತದೆ ಅಂತ ಹಿರಿಯ ಪ್ಲಿನಿ ಗೊಣಗುತ್ತಾನೆ. ಆ ಅಂಕಿಯನ್ನು ವಿದ್ವಾಂಸರು ಪೂರ್ತಿ ನಂಬುವುದಿಲ್ಲ. ನಂಬಿದರೆ, ಐವತ್ತೈದು ಸಾವಿರ ಸೈನಿಕರ ಒಂದು ವರ್ಷದ ಸಂಬಳ.

ಎಲ್ಲಕ್ಕಿಂತ ಕಷ್ಟಪಟ್ಟು ಓದಿದ್ದು ಕೇಟೋ ಬರೆದ ಬೇಸಾಯದ ಪುಸ್ತಕ. ಭಾಷೆ ಕಷ್ಟ ಅಂತ ಅಲ್ಲ. ಕ್ರಿ.ಪೂ. ಎರಡನೇ ಶತಮಾನದ್ದು, ಸಣ್ಣ ಪುಸ್ತಕ, ಮನೆ ಯಜಮಾನ ಹೇಳಿದಂತೆ ನೇರ ಮಾತು. ಯಜಮಾನ ತೋಟಕ್ಕೆ ಬಂದಾಗ ಏನೇನು ಮಾರಬೇಕು ಅಂತ ಒಂದು ಪಟ್ಟಿ ಇದೆ: ವಯಸ್ಸಾದ ಎತ್ತು, ಉಣ್ಣೆ, ಚರ್ಮ, ಹಳೆ ಗಾಡಿ, ಹಳೆ ಕಬ್ಬಿಣ, ಮುದಿ ಗುಲಾಮ, ಕಾಯಿಲೆಯ ಗುಲಾಮ, ಇನ್ನೇನಾದರೂ ಬೇಡದ್ದು ಇದ್ದರೆ ಅದು. ಗುಜರಿ ಕಬ್ಬಿಣ ಆದ ಮೇಲೆ ಮನುಷ್ಯ. ಒಂದೇ ಉಸಿರಿನಲ್ಲಿ. ಆ ರಾತ್ರಿ ಮುಂದೆ ಓದಲಾಗಲಿಲ್ಲ. ಎರಡು ವರ್ಷಕ್ಕೊಮ್ಮೆ ಅವರಿಗೆ ಒಂದು ಅಂಗಿ, ಒಂದು ಹೊದಿಕೆ. ಹೊಸದು ಕೊಡುವಾಗ ಹಳೆಯದನ್ನು ವಾಪಸ್ ಇಸಿದುಕೊಳ್ಳಬೇಕು, ಕೌದಿಗೆ ಬರುತ್ತದೆ. ಹೊಲದಲ್ಲಿ ದುಡಿಯುವವರಿಗೆ ತಿಂಗಳಿಗೆ ಚಳಿಗಾಲದಲ್ಲಿ 4 ಮೋಡಿಯಸ್ ಗೋಧಿ, ಬೇಸಿಗೆಯಲ್ಲಿ ನಾಲ್ಕೂವರೆ. ಒಂದು ಮೋಡಿಯಸ್ ಅಂದರೆ ಸುಮಾರು ಆರೂವರೆ ಕೆಜಿ. ಇದನ್ನೂ ಬರೆದಿಟ್ಟುಕೊಂಡೆ.

ಹೋದ ತಿಂಗಳು ಅದು ಉಪಯೋಗಕ್ಕೆ ಬಂತು. ಈಗ ಓದುತ್ತಿರುವುದು ಕೊಲುಮೆಲ್ಲಾ, ಅವನೂ ಬೇಸಾಯದ ಬಗ್ಗೆ ಬರೆದವನು, ಚಕ್ರವರ್ತಿ ನೀರೋನ ಕಾಲದವನು. ದ್ರಾಕ್ಷಿ ತೋಟ ಮಾಡಿದರೆ ಲಾಭ ಇದೆ ಅಂತ ಅವನು ಲೆಕ್ಕ ಕೊಡುತ್ತಾನೆ. 7 ಯುಗೆರಾ ಜಮೀನು, ನಮ್ಮ ಲೆಕ್ಕದಲ್ಲಿ 4 ಎಕರೆ 14 ಗುಂಟೆ. ಜಮೀನಿಗೆ 7,000 ಸೆಸ್ಟರ್ಸ್. ಕೆಲಸ ಬಲ್ಲ ಒಬ್ಬ ಗುಲಾಮನಿಗೆ 8,000. ಬಳ್ಳಿ, ಊರುಗೋಲು ಎಲ್ಲ ಸೇರಿ 14,000. ಒಟ್ಟು 29,000. ಫಸಲು ಬರುವ ತನಕ ಎರಡು ವರ್ಷಕ್ಕೆ ನೂರಕ್ಕೆ 6ರಂತೆ ಬಡ್ಡಿ 3,480. ಮೊತ್ತ 32,480. ಇದನ್ನೇ ಸಾಲ ಕೊಟ್ಟಿದ್ದರೆ ವರ್ಷಕ್ಕೆ ಸುಮಾರು 1,950 ಬಡ್ಡಿ ಬರುತ್ತಿತ್ತು. ತೋಟದಿಂದ, ತೀರಾ ಕಳಪೆ ಫಸಲು ಅಂದರೂ, 2,100 ಬರುತ್ತದೆ. ನೋಡಿ, ತೋಟವೇ ಮೇಲು ಅನ್ನುತ್ತಾನೆ. ಕೂಡಿ ನೋಡಿದೆ, ಸರಿಯಾಗಿದೆ.

ಆದರೆ ಸಾಲದ ಅರ್ಜಿ ನೋಡಿ ನೋಡಿ ನನಗೊಂದು ಚಟ. ಕೊಟ್ಟಿರುವುದನ್ನಲ್ಲ, ಬಿಟ್ಟಿರುವುದನ್ನು ಮೊದಲು ಹುಡುಕುತ್ತೇನೆ. ಆ ಗುಲಾಮ ವರ್ಷಪೂರ್ತಿ ಏನು ತಿನ್ನುತ್ತಾನೆ? ಲೆಕ್ಕದಲ್ಲಿ ಇಲ್ಲ. ಕೇಟೋನ ಪಡಿತರದ ಪುಟ ತೆಗೆದೆ. ಆರು ತಿಂಗಳು 4, ಆರು ತಿಂಗಳು ನಾಲ್ಕೂವರೆ ಅಂತ ಹಿಡಿದರೆ ವರ್ಷಕ್ಕೆ 51 ಮೋಡಿಯಸ್. ಇಬ್ಬರ ನಡುವೆ ಇನ್ನೂರು ವರ್ಷದ ಅಂತರ ಇದೆ, ಇರಲಿ, ಹೊಟ್ಟೆ ಬದಲಾಗುವುದಿಲ್ಲ ಅಲ್ವಾ? ಗೋಧಿಯ ಬೆಲೆ ಟ್ಯಾಸಿಟಸ್‌ನಲ್ಲಿ ಸಿಕ್ಕಿತು: ಕ್ರಿ.ಶ. 64ರ ಬೆಂಕಿಯ ನಂತರ ರೋಮ್‌ನಲ್ಲಿ ನೀರೋ ಬೆಲೆ ಇಳಿಸಿ 3 ಸೆಸ್ಟರ್ಸ್‌ಗೆ ಒಂದು ಮೋಡಿಯಸ್ ಮಾಡಿದ್ದ. ಆ ಅಗ್ಗದ ಬೆಲೆಯನ್ನೇ ಹಾಕಿದೆ. 51 ಮೂರಲೆ 153. ಕೊಲುಮೆಲ್ಲಾ ತೋರಿಸಿದ ಉಳಿತಾಯ 150.

3 ಸೆಸ್ಟರ್ಸ್ ನಷ್ಟ. ಅಂಗಿಯ ದುಡ್ಡು ಇನ್ನೂ ಸೇರಿಸಿಲ್ಲ.