ನಡುಗಿದ ಸಾಬ್: ಒಂದು ವಿ4 ಎಂಜಿನ್ ಬಿಚ್ಚಿ ಕಟ್ಟಿದ ನನ್ನ ಅನುಭವ

ಕೀಲಿ ತಿರುಗಿಸಿದ ಮೊದಲ ಸಲಕ್ಕೇ ಎಂಜಿನ್ ಸ್ಟಾರ್ಟ್ ಆಯಿತು. ಇಡೀ ಚಳಿಗಾಲದ ಕೆಲಸ ಅದು. ಆದರೆ ಖುಷಿ ಒಂದು ನಿಮಿಷವೂ ಉಳಿಯಲಿಲ್ಲ. ಸ್ಟೀರಿಂಗ್ ಪಕ್ಕದ ಗೇರ್ ಲಿವರ್ ಜ್ವರ ಬಂದವರ ಹಾಗೆ ನಡುಗುತ್ತಿತ್ತು. ಕನ್ನಡಿಯಲ್ಲಿ ಹಿಂದಿನ ಗೋಡೆ ಎರಡೆರಡಾಗಿ ಕಾಣುತ್ತಿತ್ತು. ಸ್ವಲ್ಪ ಆಕ್ಸಿಲರೇಟರ್ ಒತ್ತಿದರೆ ಸರಿಹೋಗಬಹುದು ಅಂತ ಒತ್ತಿದೆ. ಇನ್ನೂ ಜಾಸ್ತಿ ಆಯಿತು.

ಕಾರು 1973ರ ಸಾಬ್ 96, ಸ್ವೀಡನ್ನಿನ ಸಾಬ್ ಕಂಪನಿಯದು. ನಾನಿರೋದು ಸ್ವೀಡನ್ನಿನ ಗೋಥೆನ್‌ಬರ್ಗ್‌ನಲ್ಲಿ. ಈ ಕಾರಿನ ತವರು ಟ್ರೋಲ್‌ಹೆಟ್ಟನ್ ಇಲ್ಲಿಂದ ಒಂದು ಗಂಟೆಯ ದಾರಿ. ನಾನು ಸ್ಪ್ಯಾನರ್ ಹಿಡಿಯೋದು ಕಲಿತದ್ದು ದಾವಣಗೆರೆಯಲ್ಲಿ, ಚಿಕ್ಕಪ್ಪನ ಗ್ಯಾರೇಜಿನಲ್ಲಿ. ಅಲ್ಲಿಗೆ ಬರುತ್ತಿದ್ದದ್ದು ಅಂಬಾಸಿಡರ್, ಪದ್ಮಿನಿ, ಮೆಟಡೋರ್. ಎಲ್ಲದರಲ್ಲೂ ನಾಲ್ಕು ಸಿಲಿಂಡರ್ ಒಂದೇ ಸಾಲಿನಲ್ಲಿ, ಶಾಲೆಯ ಪ್ರಾರ್ಥನೆಗೆ ನಿಂತ ಮಕ್ಕಳ ಹಾಗೆ. ವಿ6, ವಿ8 ಹೆಸರು ಕೇಳಿದ್ದೆ. ವಿ4 ಅಂತ ಒಂದಿದೆ ಅನ್ನೋದೇ ಗೊತ್ತಿರಲಿಲ್ಲ. ಈ ಕಾರಿನ ಬಾನೆಟ್ ಎತ್ತಿ ನೋಡಿದಾಗ ಅಲ್ಲೇ ಮರುಳಾದೆ. ನಾಲ್ಕು ಸಿಲಿಂಡರ್, ಇಂಗ್ಲಿಷಿನ V ಅಕ್ಷರದ ಹಾಗೆ ಎರಡು ಈಚೆ, ಎರಡು ಆಚೆ ವಾಲಿಕೊಂಡು, ಅಷ್ಟೇ. ಎಂಜಿನ್ನಿನ ಉದ್ದ ಒಂದು ಮೊಳವೂ ಇರಲಿಕ್ಕಿಲ್ಲ.

ಸಾಬ್ ಈ ಎಂಜಿನ್ ಹಾಕಿದ್ದೇ ಆ ಉದ್ದಕ್ಕಾಗಿ. ಮೊದಲು ಇದೇ ಕಾರಿನಲ್ಲಿ ಮೂರು ಸಿಲಿಂಡರಿನ ಟೂ-ಸ್ಟ್ರೋಕ್ ಇತ್ತು. ಎಂಜಿನ್ ಮುಂದಿನ ಚಕ್ರಗಳಿಗಿಂತಲೂ ಮುಂದೆ, ಉದ್ದುದ್ದ ಕೂರುತ್ತದೆ. ಅದರ ಹಿಂದೆ ಗೇರ್‌ಬಾಕ್ಸ್. ಟೂ-ಸ್ಟ್ರೋಕ್ ಕಾಲ ಮುಗಿದಾಗ, ಕಾರನ್ನು ಹೊಸದಾಗಿ ಕತ್ತರಿಸದೆ ಆ ಜಾಗದಲ್ಲೇ ಕೂರುವ ಫೋರ್-ಸ್ಟ್ರೋಕ್ ಬೇಕಾಯಿತು. ಫೋರ್ಡ್ ಜರ್ಮನಿಯಲ್ಲಿ ಟೌನುಸ್ 12ಎಂ ಕಾರಿಗೆ 1962ರಲ್ಲಿ ತಂದ 60 ಡಿಗ್ರಿ ವಿ4 (ಎರಡು ಸಾಲುಗಳ ನಡುವಿನ ಕೋನ 60 ಡಿಗ್ರಿ) ಅಲ್ಲಿ ಕೂತಿತು. 1967ರ ಮಾಡೆಲ್‌ನಿಂದ ಸಾಬ್ 96ರಲ್ಲಿ ಅದೇ ಬಂತು. 1498 ಸಿಸಿ, ಬೋರ್ ಅಂದರೆ ಸಿಲಿಂಡರಿನ ಅಗಲ 90 ಮಿಮೀ, ಸ್ಟ್ರೋಕ್ ಅಂದರೆ ಪಿಸ್ಟನ್ ಓಡುವ ದೂರ 60ಕ್ಕಿಂತ ಕಮ್ಮಿ. ಅಗಲ ಪಿಸ್ಟನ್, ಕುಳ್ಳ ಸ್ಟ್ರೋಕ್. ಇದೇ ಕಾರಿನಲ್ಲಿ ಸ್ವೀಡನ್ನಿನ ರ‍್ಯಾಲಿ ಚಾಲಕ ಸ್ಟಿಗ್ ಬ್ಲಾಮ್‌ಕ್ವಿಸ್ಟ್ 1971, 72, 73 ಮೂರೂ ವರ್ಷ ಸ್ವೀಡಿಷ್ ರ‍್ಯಾಲಿ ಗೆದ್ದರು. ನಾನು ಇದರಲ್ಲಿ ಹಾಲು ತರಲು ಹೋಗುತ್ತೇನೆ.

ಬಿಚ್ಚುವಾಗ ಲೆಕ್ಕ ಅರ್ಥವಾಗತೊಡಗಿತು. ಅಂಬಾಸಿಡರ್‌ನಲ್ಲಿ ಒಂದು ಹೆಡ್ (ಸಿಲಿಂಡರುಗಳ ಮೇಲಿನ ಮುಚ್ಚಳ), ಒಂದು ಗ್ಯಾಸ್ಕೆಟ್, ಒಂದು ಟ್ಯಾಪೆಟ್ ಕವರ್. ಇಲ್ಲಿ ಎಲ್ಲವೂ ಎರಡೆರಡು, ಎಗ್ಸಾಸ್ಟ್ ಪೈಪೂ ಸೇರಿ. ಎರಡು ಸಾಲುಗಳ ನಡುವಿನ ಕಣಿವೆಯನ್ನು ಮುಚ್ಚೋದು ಇನ್‌ಟೇಕ್ ಮ್ಯಾನಿಫೋಲ್ಡ್, ಸಿಲಿಂಡರುಗಳಿಗೆ ಗಾಳಿ-ಪೆಟ್ರೋಲ್ ಹಂಚುವ ಕೊಳವೆ. ಎರಡು ಹೆಡ್ಡು, ಈ ಮ್ಯಾನಿಫೋಲ್ಡು, ಮೂರೂ ಒಂದಕ್ಕೊಂದು ತಳಕು. ಒಂದನ್ನು ಪೂರ್ತಿ ಬಿಗಿದು ಇನ್ನೊಂದಕ್ಕೆ ಹೋದರೆ ಕಣಿವೆಯ ಮೂಲೆಯಲ್ಲಿ ಆಯಿಲ್ ಜಿನುಗುತ್ತದೆ. ಸ್ವಲ್ಪ ಇಲ್ಲಿ, ಸ್ವಲ್ಪ ಅಲ್ಲಿ ಅಂತ ಸುತ್ತು ಹಾಕುತ್ತಾ ಬಿಗಿಯಬೇಕು. ಇಷ್ಟಾಗಿಯೂ ಇದು ಪುಶ್‌ರಾಡ್ ಎಂಜಿನ್: ವಾಲ್ವ್ ತೆರೆಸುವ ಕ್ಯಾಮ್ ಶಾಫ್ಟ್ ಕೆಳಗೆ ಬ್ಲಾಕಿನಲ್ಲಿ, ಅದೂ ಒಂದೇ. ಇವತ್ತಿನ ಎಂಜಿನ್ನುಗಳ ಹಾಗೆ ಹೆಡ್ ಮೇಲೆ ಎರಡೆರಡು ಕ್ಯಾಮ್ ಇಟ್ಟಿದ್ದರೆ? ಸಾಲು ನಾಲ್ಕಕ್ಕೆ ಎರಡು ಸಾಕು, ವಿ4ಕ್ಕೆ ನಾಲ್ಕು ಬೇಕು. ಸಿಲಿಂಡರ್ ಮಾತ್ರ ಅಷ್ಟೇ. ಖರ್ಚು ಲೆಕ್ಕ ಹಾಕೋ ಮನುಷ್ಯ ಇಲ್ಲೇ ಎದ್ದು ಹೋಗುತ್ತಾನೆ.

ಎಂಜಿನ್ ಒಳಗೆ ಅಂಬಾಸಿಡರ್‌ನಲ್ಲಿ ಇಲ್ಲದ ಇನ್ನೊಂದು ವಸ್ತು ಸಿಕ್ಕಿತು: ಬ್ಯಾಲೆನ್ಸ್ ಶಾಫ್ಟ್. ಒಂದು ಕಬ್ಬಿಣದ ದಂಡ. ಎರಡು ತುದಿಯಲ್ಲಿ ಒಂದೊಂದು ಭಾರ, ಒಂದಕ್ಕೊಂದು ವಿರುದ್ಧ ದಿಕ್ಕಿಗೆ. ಕ್ರ್ಯಾಂಕಿನ (ಪಿಸ್ಟನ್‌ಗಳು ತಿರುಗಿಸುವ ಮುಖ್ಯ ಶಾಫ್ಟಿನ) ಗೇರ್ ನೇರವಾಗಿ ಇದರ ಗೇರನ್ನು ಕಚ್ಚುತ್ತದೆ. ಹಾಗಾಗಿ ಕ್ರ್ಯಾಂಕಿನ ವೇಗದಲ್ಲೇ, ಆದರೆ ಎದುರು ದಿಕ್ಕಿಗೆ ತಿರುಗುತ್ತದೆ. ಇದನ್ನು ಹಿಡಿದಿರುವ ಮುಂದಿನ ಬುಷ್ (ಲೋಹದ ಬಳೆ) ಸವೆದರೆ ಆಯಿಲ್ ಪ್ರೆಶರ್ ಬೀಳುತ್ತದೆ. ನನ್ನದು ಸವೆದಿತ್ತು. ಉದ್ದ ಬೋಲ್ಟು, ದಪ್ಪ ವಾಷರು, ಒಂದು ತುಂಡು ಪೈಪು ಇಟ್ಟುಕೊಂಡು ಹೊಸ ಬುಷ್ ಎಳೆದು ಕೂರಿಸಿದೆ. ಬುಷ್‌ನ ತೂತು ಬ್ಲಾಕಿನ ಆಯಿಲ್ ತೂತಿಗೆ ಸರಿಯಾಗಿ ಬಂದಿದೆಯಾ ಅಂತ ತಂತಿ ತೂರಿಸಿ ಮೂರು ಸಲ ನೋಡಿದೆ. ಕ್ಯಾಮ್ ಗೇರಿನ ಹಲ್ಲು ಮೂಲದಲ್ಲಿ ಫೈಬರಿನದು. ಸದ್ದು ಕಮ್ಮಿ ಇರಲಿ ಅಂತ ಹಾಗೆ ಮಾಡಿದ್ದು. 50 ವರ್ಷದ ಫೈಬರ್ ಹಲ್ಲನ್ನು ನಂಬೋದು ಬೇಡ ಅಂತ ಲೋಹದ ಗೇರ್ ಹಾಕಿದೆ.

ಇಷ್ಟೆಲ್ಲ ಜಾಗ್ರತೆ ವಹಿಸಿದವನು ಎಡವಿದ್ದು ಎಲ್ಲಿ ಗೊತ್ತಾ? ಗೇರುಗಳನ್ನು ಜೋಡಿಸುವಾಗ ಹಲ್ಲಿನ ಪಕ್ಕ ಕೊರೆದ ಚುಕ್ಕಿಗಳು ಎದುರುಬದುರು ಬರಬೇಕು. ಬ್ಯಾಲೆನ್ಸ್ ಶಾಫ್ಟಿನ ಗೇರನ್ನು ನಾನು ಸರಿಯಾಗಿ ಉಜ್ಜಿರಲಿಲ್ಲ. ಯಾರೋ ಹಿಂದೊಮ್ಮೆ ಉಳಿ ಹೊಡೆದ ಗೀರನ್ನೇ ಚುಕ್ಕಿ ಅಂದುಕೊಂಡೆ. ಶಾಫ್ಟ್ ಕಾಲು ಸುತ್ತು ತಪ್ಪಿ ಕೂತಿತ್ತು.

ಆವತ್ತು ನನಗೆ ಅದು ಗೊತ್ತಿಲ್ಲ. ಪ್ಲಗ್ ಬದಲಿಸಿದೆ. ಡಿಸ್ಟ್ರಿಬ್ಯೂಟರ್ ತಿರುಗಿಸಿದೆ. ಎಂಜಿನ್ ಮೌಂಟಿಂಗ್ ರಬ್ಬರ್ ಹೊಸದು ತಂದೆ. ಒಂದು ವಾರ ಸುಮ್ನೆ ಕಳೆಯಿತು. ಕೊನೆಗೆ ಒಂದು ಕ್ರೋನಾ ನಾಣ್ಯವನ್ನು ಎಡಗಡೆ ಟ್ಯಾಪೆಟ್ ಕವರಿನ ಮೇಲೆ ಇಟ್ಟು ನೋಡಿದೆ. ಮುಂದಿನ ತುದಿಯಲ್ಲಿ ಇಟ್ಟರೆ ಜಿಗಿದು ಬೀಳುತ್ತಿತ್ತು. ನಡುವೆ ಇಟ್ಟರೆ ಸುಮ್ಮನೆ ಗುಯ್‌ಗುಟ್ಟುತ್ತಾ ಕೂರುತ್ತಿತ್ತು. ಅಂದರೆ ಎಂಜಿನ್ ಮೇಲೆ ಕೆಳಗೆ ಹಾರುತ್ತಿಲ್ಲ. ಮೂಗು ಒಂದು ಕಡೆ, ಬಾಲ ಇನ್ನೊಂದು ಕಡೆ ಹೋಗುತ್ತಿದೆ.

ಒಂದು ದೋಣಿಯ ಎರಡು ತುದಿಯಲ್ಲಿ ಇಬ್ಬರು ನಿಂತು ಸರದಿಯ ಮೇಲೆ ಕುಣಿದರೆ ಏನಾಗುತ್ತದೆ? ಒಬ್ಬ ಏಳುವಾಗ ಇನ್ನೊಬ್ಬ ಇಳಿಯುತ್ತಾನೆ, ಒಟ್ಟು ಭಾರದ ಲೆಕ್ಕ ಸರಿಹೋಗುತ್ತದೆ. ಆದರೆ ದೋಣಿ ಓಲಾಡುತ್ತದೆ. 60 ಡಿಗ್ರಿ ವಿ4ರ ಜಾತಕ ಇದೇ. ಸಾಲು ನಾಲ್ಕರಲ್ಲಿ ಹಾಗಾಗದು. ಅಲ್ಲಿ ಹೊರಗಿನ ಎರಡು ಪಿಸ್ಟನ್ ಒಟ್ಟಿಗೆ ಏರುವಾಗ ಒಳಗಿನ ಎರಡು ಒಟ್ಟಿಗೆ ಇಳಿಯುತ್ತವೆ. ಮುಂದಿನ ಅರ್ಧ, ಹಿಂದಿನ ಅರ್ಧಕ್ಕೆ ಕನ್ನಡಿ ಹಿಡಿದ ಹಾಗೆ. ಓಲಾಟವೇ ಇಲ್ಲ. ಉಳಿಯೋದು ಕ್ರ್ಯಾಂಕಿನ ಎರಡು ಪಟ್ಟು ವೇಗದ ಒಂದು ಸಣ್ಣ ಝುಮ್ಮು. 1500 ಸಿಸಿ ಕಾರಿನಲ್ಲಿ ರಬ್ಬರ್ ಮೌಂಟಿಂಗೇ ಅದನ್ನು ನುಂಗಿಕೊಳ್ಳುತ್ತದೆ.

ಓಲಾಟಕ್ಕೆ ಎದುರು ಓಲಾಟ ಕೊಡೋದೇ ಬ್ಯಾಲೆನ್ಸ್ ಶಾಫ್ಟಿನ ಕೆಲಸ. ಕಾಗದದ ಮೇಲೆ ಬಾಣ ಎಳೆದು ಲೆಕ್ಕ ಹಾಕಿದೆ. ಶಾಫ್ಟ್ ಕಾಲು ಸುತ್ತು ತಪ್ಪಿದರೆ, ಉಳಿಯುವ ನಡುಕ ಶಾಫ್ಟೇ ಇಲ್ಲದಿದ್ದಾಗಿನದಕ್ಕಿಂತ ಸುಮಾರು 1.4 ಪಟ್ಟು. ಅಂದರೆ ಅದನ್ನು ಹಾಕದೇ ಬಿಟ್ಟಿದ್ದರೂ ನನ್ನ ಕಾರು ಇದಕ್ಕಿಂತ ಚೆನ್ನಾಗಿ ಓಡುತ್ತಿತ್ತು! ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ರೇಡಿಯೇಟರ್ ಇಳಿಸಿ, ಪುಲ್ಲಿ ಎಳೆದು, ಟೈಮಿಂಗ್ ಕವರ್ ಮತ್ತೆ ಬಿಚ್ಚಿದೆ. ಗೇರನ್ನು ಬ್ರಶ್ ಹಾಕಿ ಉಜ್ಜಿದಾಗ ಅಸಲಿ ಚುಕ್ಕಿ ಕಂಡಿತು, ಅಕ್ಕಿಕಾಳಿನ ತುದಿಯಷ್ಟು. ಬಿಳಿ ಪೇಂಟ್ ಹಚ್ಚಿದೆ. ತಡೆ ಪ್ಲೇಟ್ ತೆಗೆದು, ಶಾಫ್ಟನ್ನು ಹಲ್ಲು ಬಿಡುವಷ್ಟು ಮುಂದಕ್ಕೆಳೆದು, ತಿರುಗಿಸಿ, ಮತ್ತೆ ಒಳಗೆ ತಳ್ಳಿದೆ. ಬಿಚ್ಚಿ ಕಟ್ಟಲು ಎರಡು ದಿನ, ಶಾಫ್ಟ್ ತಿರುಗಿಸಲು ಐದು ನಿಮಿಷ.

ಊರಿಗೆ ಫೋನ್ ಮಾಡಿದಾಗ ಚಿಕ್ಕಪ್ಪ ಕೇಳಿದ ಪ್ರಶ್ನೆ ಸರಿಯಾಗಿತ್ತು: "ಇಷ್ಟು ಗೋಳು ಯಾಕೋ? ಸಾಲಾಗಿ ನಿಲ್ಲಿಸಿದ್ರೆ ಆಗ್ತಿರಲಿಲ್ವಾ?" ಆಗುತ್ತಿತ್ತು. ಜಗತ್ತು ಅದನ್ನೇ ಮಾಡಿತು. ಎಂಜಿನ್ನನ್ನು ಅಡ್ಡಡ್ಡ ಕೂರಿಸುವ ಪದ್ಧತಿ ಬಂದ ಮೇಲೆ ಸಾಲು ನಾಲ್ಕು ಎರಡು ಚಕ್ರಗಳ ನಡುವೆ ಸಲೀಸಾಗಿ ಹಿಡಿಯುತ್ತದೆ. ವಿ4 ಉಳಿಸಿಕೊಡುವ ಉದ್ದ ಯಾರಿಗೂ ಬೇಡವಾಯಿತು. ಆರು ಸಿಲಿಂಡರಿಗೆ ಬಂದಾಗ ಮಾತು ಬೇರೆ. ಸಾಲು ಆರು ಅಡ್ಡಡ್ಡ ಹಿಡಿಯೋದು ಕಷ್ಟ, ಅದಕ್ಕೇ ವಿ6 ಎರಡನೇ ಹೆಡ್ಡಿನ ಖರ್ಚನ್ನು ಸಂಪಾದಿಸಿಕೊಂಡಿತು. ಎಂಟಾದರೆ 90 ಡಿಗ್ರಿ ವಿ8 ಹೇಳಿ ಮಾಡಿಸಿದ ಹಾಗೆ. ಹತ್ತು ಅಂದರೆ ಐದೈದರ ಎರಡು ಸಾಲು, ಐದಕ್ಕೆ ಮತ್ತೆ ಅದೇ ದೋಣಿಯ ಓಲಾಟ. ಅದಕ್ಕೇ ವಿ10 ವೈಪರ್, ಲೆಕ್ಸಸ್ ಎಲ್‌ಎಫ್‌ಎ ಥರದ ದುಬಾರಿ ಕಾರುಗಳಿಗೇ ಹೆಚ್ಚಾಗಿ ಉಳಿಯಿತು. ಕ್ಯಾಡಿಲಾಕ್ 1930ರಲ್ಲಿ ವಿ16 ಕೂಡ ಮಾರಿತ್ತು. ಅದು ಎಂಜಿನ್ನೋ ಒಡವೆಯೋ, ನನಗೆ ಈಗಲೂ ಅನುಮಾನ.

ಎರಡನೇ ಹೆಡ್ಡಿನ ಕಾಟ ತಪ್ಪಿಸಲು ಜಾಣರು ದಾರಿ ಹುಡುಕದೇ ಇರಲಿಲ್ಲ. ಇಟಲಿಯ ಲಾನ್ಚಿಯಾ 1922ರ ಲಾಂಬ್ಡಾದಲ್ಲಿ ಕೋನವನ್ನು 13 ಡಿಗ್ರಿಯ ಆಸುಪಾಸಿಗೆ ಇಳಿಸಿ, ನಾಲ್ಕಕ್ಕೂ ಒಂದೇ ಹೆಡ್ ಹೊದಿಸಿತು. 1991ರಲ್ಲಿ ಫೋಕ್ಸ್‌ವ್ಯಾಗನ್ 15 ಡಿಗ್ರಿಯ ವಿಆರ್6 ತಂದಾಗ ಅದೇ ಉಪಾಯ. ಆಮೇಲೆ ಅದರಿಂದ ಒಂದು ಸಿಲಿಂಡರ್ ಕಿತ್ತು ವಿ5 ಕೂಡ ಮಾಡಿದರು. ವಿ4ಕ್ಕೆ ಈಗ ಒಳ್ಳೇ ಮನೆ ಬೈಕಿನಲ್ಲಿ. ಅಲ್ಲಿ ಸವಾರನ ಕಾಲುಗಳ ನಡುವೆ ಜಾಗ ಕಮ್ಮಿ, ಎಂಜಿನ್ ಸಪೂರ ಇದ್ದಷ್ಟೂ ಒಳ್ಳೇದು. ಕಾರ್ ರೇಸಿನಲ್ಲೂ ಇತ್ತು: 2015ರಿಂದ 2017ರವರೆಗೆ ಫ್ರಾನ್ಸಿನ 24 ಗಂಟೆಯ ಲೆ ಮಾನ್ ರೇಸ್ ಗೆದ್ದ ಪೋರ್ಶೆ 919ರಲ್ಲಿ ಇದ್ದದ್ದು 2 ಲೀಟರ್ ವಿ4. ತಮಾಷೆ ಅಂದರೆ ವಿ6ಕ್ಕೂ ಈಗ ಅದೇ ಗತಿ ಬರುತ್ತಿದೆ. 2017ರಲ್ಲಿ ಮರ್ಸಿಡಿಸ್ ಮತ್ತೆ ಸಾಲು ಆರಕ್ಕೆ ಮರಳಿತು. ಒಂದೇ ಹೆಡ್, ಬಿಸಿ ಎಗ್ಸಾಸ್ಟ್ ಎಲ್ಲ ಒಂದೇ ಬದಿಗೆ, ಟರ್ಬೋ ಕೂರಿಸಲು ಸಲೀಸು.

ನನ್ನ ಸಾಬ್‌ನಲ್ಲಿ ನಾಣ್ಯ ಈಗಲೂ ಕವರಿನ ಮೇಲೆ ಮೆಲ್ಲಗೆ ತೆವಳುತ್ತದೆ. ಆದರೆ ಬೀಳೋದಿಲ್ಲ. ಐಡ್ಲಿಂಗ್‌ನಲ್ಲಿ ಗುಡುಗುಡು ಅನ್ನೋದು ಈ ಎಂಜಿನ್ನಿನ ಹುಟ್ಟುಗುಣ, ನನಗದು ಇಷ್ಟ. ಲೋಹದ ಗೇರಿನ ಕೊಯ್ಯ್ ಸದ್ದು ಮಾತ್ರ ಹೊಸದು. ಪಕ್ಕದ ಸೀಟಿನಲ್ಲಿ ಕೂತವಳು ಸಿಗ್ನಲ್ಲಿನಲ್ಲಿ ನಿಂತಾಗಲೆಲ್ಲ "ಮಿಕ್ಸಿ ಆಫ್ ಮಾಡ್ರೀ" ಅನ್ನುತ್ತಾಳೆ.